ಉಷ್ಣಯಂತ್ರಗಳು ಮತ್ತು ಅವುಗಳ ದಕ್ಷತೆಯ ಮಿತಿ

ಕಲ್ಲಿದ್ದಲಿನಿಂದ ವಿದ್ಯುತ್ ಉತ್ಪಾದಿಸುವ ಸ್ಥಾವರದಲ್ಲಿ ಇಂಧನದಿಂದ ದೊರೆತ ಶಾಖದ ಸುಮಾರು ಅರ್ಧಭಾಗ ವಿದ್ಯುತ್ತಾಗದೆ, ತಣಿಸುವ ಗೋಪುರಗಳ ಮೂಲಕ ಗಾಳಿಯಲ್ಲಿ ಸೇರಿಹೋಗುತ್ತದೆ. ಇದು ತಡೆಯಬಹುದಾದ ದುಂದೇ, ಅಥವಾ ಅನಿವಾರ್ಯವಾದ ನಷ್ಟವೇ? ಉಷ್ಣಗತಿವಿಜ್ಞಾನವು ಇದಕ್ಕೆ ಸ್ಪಷ್ಟವಾದ ಉತ್ತರವನ್ನು ನೀಡುತ್ತದೆ.

ಕಾರ್ಯವಿಧಾನ

ಶಾಖವನ್ನು ಕೆಲಸವಾಗಿ ಪರಿವರ್ತಿಸುವ ಸಾಧನವೇ ಉಷ್ಣಯಂತ್ರ. ಹಳೆಯ ಉಗಿಯಂತ್ರ, ಬಸ್ಸು ಲಾರಿಗಳ ಡೀಸೆಲ್ ಎಂಜಿನ್, ಸ್ಥಾವರದ ಟರ್ಬೈನ್ ಎಲ್ಲವೂ ಈ ವರ್ಗಕ್ಕೆ ಸೇರಿವೆ. ಇವುಗಳ ಮೂಲತತ್ತ್ವ ಒಂದೇ: ಹೆಚ್ಚು ಉಷ್ಣತೆಯ ಮೂಲದಿಂದ ಶಾಖವನ್ನು ಪಡೆಯುವುದು, ಅದರ ಒಂದು ಭಾಗವನ್ನು ಕೆಲಸವಾಗಿ ಮಾರ್ಪಡಿಸುವುದು, ಉಳಿದುದನ್ನು ಕಡಿಮೆ ಉಷ್ಣತೆಯ ಪರಿಸರಕ್ಕೆ ಬಿಟ್ಟುಕೊಡುವುದು. ಪಡೆದ ಶಾಖದಲ್ಲಿ ಕೆಲಸವಾಗಿ ಮಾರ್ಪಟ್ಟ ಪಾಲಿಗೆ ದಕ್ಷತೆ ಎಂದು ಹೆಸರು.

ಸ್ಥಾವರದ ಬಾಯ್ಲರಿನಲ್ಲಿ ನೀರು ಅಧಿಕ ಒತ್ತಡದ ಉಗಿಯಾಗುತ್ತದೆ. ಈ ಉಗಿ ಹಿಗ್ಗುತ್ತ ಟರ್ಬೈನನ್ನು ತಿರುಗಿಸಿ, ಬಳಿಕ ಕಂಡೆನ್ಸರಿನಲ್ಲಿ ತಣಿದು ನೀರಾಗಿ ಬಾಯ್ಲರಿಗೆ ಮರಳುತ್ತದೆ. ನೀರನ್ನು ಬಾಯ್ಲರಿಗೆ ನೂಕಲು ಅಲ್ಪ ಶಕ್ತಿ ಸಾಕು. ತಣಿಸದೆ ಉಗಿಯನ್ನೇ ಒತ್ತಿ ಒಳಕ್ಕೆ ಕಳುಹಿಸುವುದಾದರೆ, ಟರ್ಬೈನ್ ನೀಡಿದ ಕೆಲಸವೆಲ್ಲ ಅದಕ್ಕೇ ವ್ಯಯವಾಗುತ್ತದೆ. ಆದ್ದರಿಂದ ಶಾಖವನ್ನು ಹೊರಚೆಲ್ಲುವುದು ಯಂತ್ರದ ದೋಷವೆನ್ನಲಾಗದು. ಅದು ಯಂತ್ರ ನಡೆಯುವ ಕ್ರಮದ ಅಂಗವೇ ಆಗಿದೆ.

ಕಾರ್ನೊ ಕಂಡ ಮಿತಿ

ಇಂಗ್ಲೆಂಡಿನಲ್ಲಿ ಥಾಮಸ್ ನ್ಯೂಕೊಮೆನ್ 1712ರಲ್ಲಿ ಗಣಿಯ ನೀರೆತ್ತಲು ನಿರ್ಮಿಸಿದ ಯಂತ್ರದ ದಕ್ಷತೆ ಶೇಕಡಾ ಒಂದರ ಆಸುಪಾಸಿನಲ್ಲಿತ್ತು. ಉಗಿಯನ್ನು ಪ್ರತ್ಯೇಕ ಕೋಶದಲ್ಲಿ ತಣಿಸುವ ವಿಧಾನಕ್ಕೆ ಜೇಮ್ಸ್ ವಾಟ್ 1769ರಲ್ಲಿ ಪೇಟೆಂಟ್ ಪಡೆದನು. ಇದರಿಂದ ಇಂಧನದ ಬಳಕೆ ಬಹುಮಟ್ಟಿಗೆ ತಗ್ಗಿತು. ಇಂತಹ ಸುಧಾರಣೆಗೆ ಕೊನೆಯುಂಟೇ ಎಂಬ ಪ್ರಶ್ನೆಯನ್ನು ಶಾಸ್ತ್ರೀಯವಾಗಿ ಪರಿಶೀಲಿಸಿದವನು ಫ್ರಾನ್ಸಿನ ಎಂಜಿನಿಯರ್ ಸಾದಿ ಕಾರ್ನೊ. ಬೀಳುವ ನೀರಿನಿಂದ ದೊರೆಯುವ ಕೆಲಸ ಎತ್ತರದ ಅಂತರವನ್ನು ಅವಲಂಬಿಸುವಂತೆ, ಶಾಖದಿಂದ ದೊರೆಯುವ ಗರಿಷ್ಠ ಕೆಲಸವನ್ನು ಎರಡು ಉಷ್ಣತೆಗಳೇ ನಿರ್ಧರಿಸುತ್ತವೆಂದು ಆತನು 1824ರಲ್ಲಿ ತೋರಿಸಿದನು. ಶಾಖವು ವ್ಯಯವಾಗದ ದ್ರವವೆಂಬ ಆತನ ಕಲ್ಪನೆಯನ್ನು 1850ರ ಸುಮಾರಿಗೆ ಕ್ಲಾಸಿಯಸ್ ಮತ್ತು ಕೆಲ್ವಿನ್ ತಿದ್ದಿದರು. ಆದರೂ ಆತನ ಮುಖ್ಯ ತೀರ್ಮಾನ ಸ್ಥಿರವಾಗಿ ಉಳಿಯಿತು.

ಒಂದು ಉದಾಹರಣೆಯನ್ನು ಗಮನಿಸಬಹುದು. ಉಗಿಯ ಉಷ್ಣತೆ 540 ಡಿಗ್ರಿ ಸೆಲ್ಸಿಯಸ್, ಕಂಡೆನ್ಸರಿನದು 40 ಡಿಗ್ರಿ ಇರಲಿ. ಇವುಗಳಿಗೆ 273ನ್ನು ಕೂಡಿಸಿದರೆ ಕೆಲ್ವಿನ್ ಮಾನದಲ್ಲಿ 813 ಮತ್ತು 313 ಆಗುತ್ತದೆ. ಅಂತರವಾದ 500ನ್ನು 813ರಿಂದ ಭಾಗಿಸಿದರೆ ಗರಿಷ್ಠ ದಕ್ಷತೆ ಸುಮಾರು ಶೇಕಡಾ 61.5. ಘರ್ಷಣೆಯೇ ಇಲ್ಲದ ಆದರ್ಶ ಯಂತ್ರವೂ ಇದನ್ನು ಮೀರಲಾರದು.

ಸಾಧ್ಯವಿರುವ ಉಳಿತಾಯ

ವಾಸ್ತವದಲ್ಲಿ ಇಂತಹ ಸ್ಥಾವರಗಳ ದಕ್ಷತೆ ಶೇಕಡಾ 35ರಿಂದ 38ರಷ್ಟಿರುತ್ತದೆ. ಚಿಮಣಿಯಿಂದ ಹೋಗುವ ಬಿಸಿ ಅನಿಲ, ಘರ್ಷಣೆ, ಶಾಖದ ಬಹುಭಾಗವನ್ನು ನೀರು ಕಡಿಮೆ ಉಷ್ಣತೆಯಲ್ಲಿಯೇ ಹೀರುವುದು ಮುಂತಾದವು ಇದಕ್ಕೆ ಕಾರಣ. ಮನುಷ್ಯ ಪ್ರಯತ್ನಕ್ಕೆ ಅವಕಾಶವಿರುವುದು ಇಲ್ಲಿಯೇ. ಕೆಳಗಿನ ಉಷ್ಣತೆಯನ್ನು ನದಿ, ಸಮುದ್ರ ಅಥವಾ ಗಾಳಿಯ ಉಷ್ಣತೆಗಿಂತ ತಗ್ಗಿಸಲಾಗದು. ಬೇಸಿಗೆಯಲ್ಲಿ ದಕ್ಷತೆ ತುಸು ಕುಗ್ಗುವುದು ಇದರಿಂದಲೇ. ಮೇಲಿನ ಉಷ್ಣತೆಯನ್ನು ಏರಿಸಬಹುದು, ಆದರೆ ಕೊಳವೆಗಳ ಲೋಹ ಅದನ್ನು ತಾಳಿಕೊಳ್ಳಬೇಕು. ನೀರಿನ ಸಂಧಿಸ್ಥಿತಿಯ ಒತ್ತಡವನ್ನು, ಅಂದರೆ ಸುಮಾರು 221 ಬಾರ್ ಅನ್ನು, ಮೀರಿ ಕೆಲಸ ಮಾಡುವ ಘಟಕಗಳು 2010ರಿಂದೀಚೆಗೆ ಭಾರತದಲ್ಲಿಯೂ ನಡೆಯುತ್ತಿವೆ. ಅನಿಲ ಟರ್ಬೈನಿನಿಂದ ಹೊರಬರುವ ಶಾಖದಿಂದಲೇ ಉಗಿ ಟರ್ಬೈನನ್ನೂ ನಡೆಸುವ ಸಂಯುಕ್ತ ಸ್ಥಾವರಗಳಲ್ಲಿ ಅತ್ಯುತ್ತಮವಾದವುಗಳ ದಕ್ಷತೆ ಶೇಕಡಾ 60ನ್ನು ದಾಟಿದೆ. ಕರ್ನಾಟಕ, ಮಹಾರಾಷ್ಟ್ರಗಳ ಅನೇಕ ಸಕ್ಕರೆ ಕಾರ್ಖಾನೆಗಳು ಕಬ್ಬಿನ ಸಿಪ್ಪೆಯನ್ನು ಉರಿಸಿ ವಿದ್ಯುತ್ ಪಡೆದು, ಟರ್ಬೈನಿನಿಂದ ಹೊರಬಂದ ಉಗಿಯಲ್ಲಿ ಕಬ್ಬಿನ ಹಾಲನ್ನು ಕುದಿಸುತ್ತವೆ.

ಪ್ರಕೃತಿಯು ವಿಧಿಸಿದ ಈ ಸುಂಕ ಬಳಕೆದಾರರಿಗೂ ಒಂದು ಪಾಠವನ್ನು ಹೇಳುತ್ತದೆ. ಶೇಕಡಾ 35ರ ದಕ್ಷತೆಯಲ್ಲಿ ಒಂದು ಯೂನಿಟ್ ವಿದ್ಯುತ್ತಿಗಾಗಿ ಸುಮಾರು ಮೂರು ಯೂನಿಟ್‌ಗಳಷ್ಟು ಶಾಖವನ್ನು ಉರಿಸಬೇಕು. ಮನೆಯಲ್ಲಿ ಉಳಿಸಿದ ಒಂದು ಯೂನಿಟ್, ಸ್ಥಾವರದಲ್ಲಿ ಅದರ ಮೂರರಷ್ಟು ಶಾಖವನ್ನು ಉಳಿಸಿದಂತೆ.