ಎಂಡ್‌ಗೆ ಇಳಿಯುವ ಮುಂಚೆ, ಖಣಿಗೆ ಇಳಿಯುವ ಮುಂಚೆ

ತಮ್ಮಾ, ನೀನು ಮೈನ್‌ಕ್ರಾಫ್ಟ್ ಆಡುವುದಕ್ಕೆ ನನ್ನ ತಕರಾರಿಲ್ಲ. ಏಪ್ರಿಲ್, ಮೇ ಬಂತೆಂದರೆ ನಮ್ಮ ಸೇಡಂ, ಚಿತ್ತಾಪುರದ ಕಡೆ ಸರ್ಕಾರಿ ಕಚೇರಿಗಳೇ ಮಧ್ಯಾಹ್ನದ ಹೊತ್ತಿಗೆ ಕೆಲಸ ಮುಗಿಸಿ ಬಾಗಿಲು ಹಾಕುತ್ತವೆ. ಅಂಥ ಬಿಸಿಲಲ್ಲಿ ನೀನು ಮನೆಯ ನೆರಳಿಗೆ ಕೂತು ಒಂದೊಂದೇ ಬ್ಲಾಕ್ ಇಟ್ಟು ಲೋಕ ಕಟ್ಟುತ್ತೀ ಎಂದರೆ ಬೈಯುವುದು ಯಾಕೆ? ನಿನ್ನ ಪಕ್ಕದಲ್ಲಿ ಕೂತು ನೋಡಿದ ಮೇಲೆ ನನಗೆ ಹೇಳಬೇಕು ಅನಿಸಿದ್ದೇ ಬೇರೆ. ಆ ಆಟದ ಕಡೆಯ ಲೋಕಕ್ಕೆ, ನೀವು 'ದಿ ಎಂಡ್' ಅನ್ನುವ ಜಾಗಕ್ಕೆ, ಹೋಗುವಾಗ ನೀನು ಇಟ್ಟುಕೊಳ್ಳುವ ಎಚ್ಚರವಿದೆಯಲ್ಲ, ಅದರಲ್ಲಿ ಅರ್ಧದಷ್ಟಾದರೂ ನಮ್ಮೂರ ಪರ್ಸಿ ಕಲ್ಲಿನ ಖಣಿಗೆ ಹೋಗುವಾಗ ಇಟ್ಟುಕೋ.

ಆಟದಲ್ಲಿ ನೀನು ಎಷ್ಟು ತಯಾರಿ ಮಾಡಿಕೊಳ್ಳುತ್ತೀ ಎಂಬುದನ್ನು ಒಮ್ಮೆ ನೆನೆಸಿಕೋ. ಬಿಲ್ಲು, ಪೆಟ್ಟಿಗೆ ತುಂಬ ಬಾಣ, ವಜ್ರದ ಕವಚ, ತಿನ್ನಲು ಸಾಕಷ್ಟು ಆಹಾರ, ಒಂದು ಬಕೆಟ್ ನೀರು, ಕೆಳಗೆ ಬಿದ್ದರೂ ಮೆಲ್ಲಗೆ ಇಳಿಸುವ ಮದ್ದು, ಸೇತುವೆ ಕಟ್ಟಲು ಕಲ್ಲು. ಹನ್ನೆರಡು ಚೌಕಟ್ಟಿನ ಬಾಗಿಲಲ್ಲಿ ಹನ್ನೆರಡು ಕಣ್ಣು ಕೂಡಿಸಿದ ಮೇಲೂ ನೀನು ಒಂದು ಗಳಿಗೆ ನಿಂತು ಚೀಲ ಎಣಿಸುತ್ತೀ. ಯಾಕೆಂದರೆ ಆ ಬಾಗಿಲಲ್ಲಿ ಧುಮುಕಿದರೆ ಅದೇ ಬಾಗಿಲಿಂದ ಹಿಂದಕ್ಕೆ ಬರಲಾಗದು. ಅಲ್ಲಿ ಕಾದಿರುವ ಡ್ರ್ಯಾಗನ್ ಸಾಯಬೇಕು, ಇಲ್ಲವೇ ನೀನು ಸಾಯಬೇಕು, ಆಗಲೇ ಹೊರದಾರಿ. ಅಲ್ಲಿ ಹಗಲಿಲ್ಲ, ರಾತ್ರಿಯಿಲ್ಲ. ದಿಕ್ಸೂಚಿ ದಿಕ್ಕು ತೋರಿಸದೆ ತಿರುಗುತ್ತಲೇ ಇರುತ್ತದೆ. ಮಲಗೋಣವೆಂದು ಹಾಸಿಗೆ ಹಾಕಿದರೆ ಅದೇ ಸಿಡಿಯುತ್ತದೆ. ದ್ವೀಪದ ಅಂಚು ದಾಟಿದರೆ ಕೆಳಗೆ ತಳವೇ ಇಲ್ಲದ ಕತ್ತಲು. 2011ರ ನವೆಂಬರ್ 18ರಂದು ಸ್ವೀಡನ್ನಿನ ಮೊಜಾಂಗ್ ಕಂಪನಿ ಈ ಆಟವನ್ನು ಪೂರ್ಣ ರೂಪದಲ್ಲಿ ಹೊರತಂದಾಗಲೇ ಈ ಲೋಕವೂ ಡ್ರ್ಯಾಗನ್ನೂ ಅದರೊಳಗಿದ್ದವು. ದೂರದ ದ್ವೀಪಗಳು, ಅಲ್ಲಿಯ ನಗರಗಳು, ಗೋಡೆಗೆ ಅಂಟಿಕೊಂಡು ಕೂತು, ತಮ್ಮ ಹೊಡೆತ ತಾಗಿದವರನ್ನು ಗಾಳಿಗೆ ತೇಲಿಸಿಬಿಡುವ ಶಲ್ಕರ್‌ಗಳು 2016ರಲ್ಲಿ ಬಂದವು.

ಆ ಲೋಕದ ಜೀವಗಳಲ್ಲಿ ನನಗೆ ಬಹಳ ಹಿಡಿಸಿದ್ದು ಎಂಡರ್‌ಮ್ಯಾನ್. ಮೂರು ಬ್ಲಾಕ್ ಎತ್ತರ, ಮೈಯೆಲ್ಲ ಕಪ್ಪು, ನೇರಳೆ ಕಣ್ಣು. ನೋಡಿದರೆ ಎದೆ ಝಲ್ಲೆನ್ನುವಂತಿದ್ದರೂ ತಾನಾಗಿ ನಿನ್ನ ತಂಟೆಗೆ ಬರುವುದಿಲ್ಲ. ನೀನು ಅದರ ಮುಖಕ್ಕೆ ನೇರ ಕಣ್ಣಿಟ್ಟರೆ, ಇಲ್ಲವೇ ಹೊಡೆದರೆ ಮಾತ್ರ ಮೈಮೇಲೆ ಬೀಳುತ್ತದೆ. ಬಾಣ ಬಿಟ್ಟರೆ ತಾಗುವಷ್ಟರಲ್ಲಿ ಮಾಯ. ನೀರು ತಾಗಿದರೆ ಅದಕ್ಕೆ ನೋವು. ಎರಡೇ ಬ್ಲಾಕ್ ಎತ್ತರದ ಚಾವಣಿ ಕಟ್ಟಿಕೊಂಡು ನಿಂತರೆ ಒಳಗೆ ಬರಲಾರದು. ಕೊರೆದ ಕುಂಬಳಕಾಯಿ ತಲೆಗೆ ಹಾಕಿಕೊಂಡರೆ ನೋಡಿದರೂ ಸಿಟ್ಟಾಗದು. ಇಷ್ಟೆಲ್ಲ ನಿನಗೆ ಬಾಯಿಪಾಠ. ನಿನ್ನ ಗೆಳೆಯರಿಗೂ ಬಾಯಿಪಾಠ. ಒಂದು ಪ್ರಾಣಿ ಯಾವಾಗ ಸಿಟ್ಟಾಗುತ್ತದೆ, ಯಾವಾಗ ತನ್ನ ಪಾಡಿಗೆ ಇರುತ್ತದೆ ಎಂದು ಇಷ್ಟು ಚೆನ್ನಾಗಿ ಕಲಿತ ಹುಡುಗರಿಗೆ, ನಮ್ಮ ಹೊಲದ ಬದುವಿನಲ್ಲಿರುವ ಜೀವಗಳ ಬಗ್ಗೆ ಹೇಳಿಕೊಡುವುದು ಕಷ್ಟವಾಗಬಾರದು.

ಹಾವಿನ ಮಾತು ಮೊದಲು. ನಮ್ಮ ಸೇಡಂ, ಚಿತ್ತಾಪುರದ ತೊಗರಿ ಹೊಲಗಳಲ್ಲಿ, ಶಹಾಬಾದ್, ವಾಡಿಯ ಕಲ್ಲಿನ ರಾಶಿಗಳಲ್ಲಿ ಪ್ರಾಣಕ್ಕೆ ಎರವಾಗುವ ಹಾವು ಮುಖ್ಯವಾಗಿ ನಾಲ್ಕು: ನಾಗರಹಾವು, ಕೊಳಕುಮಂಡಲ, ಕಟ್ಟುಹಾವು, ಮತ್ತೆ ಸಣ್ಣ ಗರಗಸ ಮಂಡಲ. ನಾಲ್ಕೂ ತಾವಾಗಿ ಬೆನ್ನಟ್ಟಿ ಬಂದು ಕಚ್ಚುವ ಜಾತಿಯಲ್ಲ. ತುಳಿದಾಗ, ಕಾಣದೆ ಕೈ ಹಾಕಿದಾಗ, ಕೋಲಿನಿಂದ ಕೆಣಕಿದಾಗ ಕಚ್ಚುತ್ತವೆ. ಹಾವಿಗೆ ಹೊರಗಿವಿ ಇಲ್ಲ, ನೆಲದ ಅದುರು ಚೆನ್ನಾಗಿ ಗೊತ್ತಾಗುತ್ತದೆ. ಆದ್ದರಿಂದ ಕತ್ತಲಲ್ಲಿ ಹೊಲಕ್ಕೆ ಹೋಗುವಾಗ ಕೈಯಲ್ಲಿ ಬ್ಯಾಟರಿ, ಕಾಲಲ್ಲಿ ಬೂಟು, ಹೆಜ್ಜೆ ಗಟ್ಟಿಯಾಗಿ ಊರು. ಒಟ್ಟಿಟ್ಟ ತೊಗರಿ ಕಟ್ಟಿಗೆಗೆ ಬರಿಗೈ ಹಾಕಬೇಡ, ಮೊದಲು ಕೋಲಿನಿಂದ ಅಲುಗಿಸು. ಕಟ್ಟುಹಾವಿನ ರೀತಿಯೇ ಬೇರೆ. ಅದು ರಾತ್ರಿ ಸಂಚಾರದ್ದು, ನೆಲದ ಮೇಲೆ ಮಲಗಿದವರನ್ನು ಕಚ್ಚುವುದೇ ಹೆಚ್ಚು. ಕಚ್ಚಿದ್ದು ನೋಯುವುದೂ ಕಡಿಮೆ, ಗುರುತೂ ಸರಿಯಾಗಿ ಕಾಣದು. ಬೆಳಗಿನ ಜಾವ ಹೊಟ್ಟೆನೋವು, ರೆಪ್ಪೆ ಎತ್ತಲಾಗದ ಸುಸ್ತು ಬಂದರೆ ಅದನ್ನು ಅಜೀರ್ಣ ಎಂದು ತಿಳಿಯಬಾರದು. ಮಾಳಿಗೆಯ ಮೇಲೋ ಅಂಗಳದಲ್ಲೋ ಮಲಗುವುದಿದ್ದರೆ ಮಂಚ ಇರಲಿ, ಸೊಳ್ಳೆಪರದೆ ಇರಲಿ, ಪರದೆಯ ಅಂಚು ಹಾಸಿಗೆಯ ಅಡಿಗೆ ಸಿಕ್ಕಿಸಿರಲಿ.

ಕಚ್ಚಿತು ಅಂದರೆ ಏನು ಮಾಡಬೇಕೆಂಬುದನ್ನು ನಮ್ಮ ದೊಡ್ಡವರೇ ಇನ್ನೂ ಸರಿಯಾಗಿ ಕಲಿತಿಲ್ಲ, ಅದಕ್ಕೇ ನಿನಗೆ ಹೇಳುತ್ತೇನೆ. ಬಿಗಿಯಾಗಿ ಹಗ್ಗ ಕಟ್ಟಬೇಡ, ಬ್ಲೇಡಿನಿಂದ ಕೊಯ್ಯಬೇಡ, ಬಾಯಿಂದ ಹೀರಬೇಡ, ಮಂತ್ರ ಹಾಕಿಸಲು ಕೂತು ಹೊತ್ತು ಕಳೆಯಬೇಡ. ಕಚ್ಚಿದ ಕೈಯೋ ಕಾಲೋ ಅಲುಗದಂತೆ ಇಟ್ಟು, ಉಂಗುರ, ಗೆಜ್ಜೆ, ಉಡಿದಾರ ಬಿಚ್ಚಿ, ದೌಡು ಸರ್ಕಾರಿ ಆಸ್ಪತ್ರೆಗೆ ಹೋಗಬೇಕು. ಹಾವನ್ನು ಹೊಡೆದು ಚೀಲದಲ್ಲಿ ತರುವ ಅಗತ್ಯವಿಲ್ಲ. ಆ ನಾಲ್ಕೂ ಹಾವಿನ ವಿಷಕ್ಕೆ ಒಂದೇ ಪ್ರತಿವಿಷ ಕೆಲಸ ಮಾಡುತ್ತದೆ. 2024ರಲ್ಲಿ ಕರ್ನಾಟಕ ಸರ್ಕಾರ ಹಾವು ಕಡಿತವನ್ನು ಅಧಿಸೂಚಿತ ಕಾಯಿಲೆಯೆಂದು ಘೋಷಿಸಿತು. ಅಂದರೆ ಆಸ್ಪತ್ರೆಗೆ ಬಂದ ಪ್ರತಿ ಪ್ರಕರಣವೂ ಲೆಕ್ಕಕ್ಕೆ ಬರಬೇಕು. ಬಹಳ ತಡವಾಗಿ ಬಂದ ಒಳ್ಳೆಯ ತೀರ್ಮಾನ ಎಂದು ನಾನು ತಿಳಿದಿದ್ದೇನೆ.

ಇನ್ನು ಚೇಳು. ಪರ್ಸಿ ಕಲ್ಲಿನ ಊರಲ್ಲಿ ಹುಟ್ಟಿದವನಿಗೆ ಚೇಳಿನ ಪರಿಚಯ ಮಾಡಿಕೊಡಬೇಕಾಗಿಲ್ಲ. ಎರಡು ಕಲ್ಲಿನ ನಡುವೆ ಬೆರಳು ತೂರುವಷ್ಟು ಸಂದು, ಒಳಗೆ ತಂಪು, ಕತ್ತಲು. ಹಗಲೆಲ್ಲ ಅದರ ಮನೆ ಅದೇ. ಕೆಂಪು ಚೇಳು ಕಡಿದರೆ ಉರಿಯಷ್ಟೇ ಅಲ್ಲ, ಮಕ್ಕಳ ಹೃದಯಕ್ಕೇ ಪೆಟ್ಟು. ಮೈ ತಣ್ಣಗಾಗಿ ಬೆವರು, ವಾಂತಿ ಶುರುವಾದರೆ ತಡಮಾಡುವಂತಿಲ್ಲ. ಮಹಾರಾಷ್ಟ್ರದ ಮಹಾಡ್‌ನ ಡಾ. ಹಿಮ್ಮತ್‌ರಾವ್ ಬಾವಸ್ಕರ್ 1980ರ ದಶಕದಲ್ಲಿ ರಕ್ತದೊತ್ತಡದ ಪ್ರಾಜೋಸಿನ್ ಎಂಬ ಮಾತ್ರೆ ಇದಕ್ಕೆ ನಾಟುತ್ತದೆ ಎಂದು ತೋರಿಸಿಕೊಟ್ಟ ಮೇಲೆ ಎಷ್ಟೋ ಜೀವ ಉಳಿದಿವೆ. ಹಳ್ಳಿಯಲ್ಲಿ ಕೂತ ಒಬ್ಬ ಡಾಕ್ಟರು ರೋಗಿಯ ಮಂಚದ ಬಳಿಯೇ ಕೂತು ಕಂಡುಕೊಂಡ ಔಷಧಿ ಅದು. ನಮ್ಮ ಪಕ್ಕದ ಯಾದಗಿರಿ ಜಿಲ್ಲೆಯ ಕಂದಕೂರಿನಲ್ಲಿ ನಾಗರಪಂಚಮಿಯ ದಿನ ಗುಡ್ಡದ ಕಲ್ಲೆತ್ತಿ ಚೇಳು ಹಿಡಿದು, ಕೈ ಮೇಲೆ, ಮುಖದ ಮೇಲೆ ಬಿಟ್ಟುಕೊಳ್ಳುತ್ತಾರೆ. ಅದು ಅವರ ನಂಬಿಕೆ, ನಾನು ಅದಕ್ಕೆ ಕೈಮುಗಿಯುತ್ತೇನೆ. ಆದರೆ ಅದರ ವಿಡಿಯೊ ನೋಡಿ ಹಿತ್ತಲಲ್ಲಿ ಕಲ್ಲು ಎತ್ತಬೇಡ.

ಡ್ರ್ಯಾಗನ್ ಕಾಳಗದಲ್ಲಿ ನೀನು ಮಾಡುವ ಒಂದು ಕೆಲಸ ನನಗೆ ಬಹಳ ಮೆಚ್ಚುಗೆಯಾಯಿತು. ಹೊಸಬರು ನೇರ ಡ್ರ್ಯಾಗನ್‌ಗೆ ಬಾಣ ಬಿಡುತ್ತಾರೆ. ನೀನು ಮೊದಲು ಹತ್ತು ಕಂಬಗಳ ಮೇಲಿನ ಹರಳು ಒಡೆಯುತ್ತೀ. ಕಬ್ಬಿಣದ ಪಂಜರದೊಳಗಿನ ಎರಡನ್ನು ಕಂಬ ಹತ್ತಿಯೇ ಒಡೆಯುತ್ತೀ. ಹರಳು ಇರುವ ತನಕ ಅದು ಡ್ರ್ಯಾಗನ್‌ಗೆ ಮತ್ತೆ ಮತ್ತೆ ಜೀವ ತುಂಬುತ್ತಿರುತ್ತದೆ ಎಂದು ನಿನಗೆ ಗೊತ್ತು. ಮನೆಯಲ್ಲೂ ಹಾಗೇ ಮಾಡು. ಕಾಳಿನ ಚೀಲಕ್ಕೆ ಇಲಿ ಬಂದರೆ ಇಲಿಯ ಹಿಂದೆ ಹಾವು ಬರುತ್ತದೆ. ಗೋಡೆಗೆ ಒರಗಿಸಿಟ್ಟ ಒಡಕು ಪರ್ಸಿ, ಇಟ್ಟಿಗೆ, ಹಳೆಯ ತಗಡು ಇದ್ದಷ್ಟು ದಿನ ಚೇಳೂ ಇರುತ್ತದೆ. ಹಾವು ಕಂಡಾಗ ಬಡಿಗೆ ಹುಡುಕುವುದಕ್ಕಿಂತ ಆ ರಾಶಿಯನ್ನು ಹಗಲಿನಲ್ಲಿ, ಕೈಗವಸು ಹಾಕಿಕೊಂಡು, ದೊಡ್ಡವರ ಜೊತೆ ಸೇರಿ ಖಾಲಿ ಮಾಡು.

ಚಿಂಚೋಳಿಯ ಕಾಡಿಗೆ ಹೋಗುವ ಆಸೆ ಇದೆ ಎಂದು ನೀನು ಅಂದಿದ್ದೆ. ಹೋಗು. 2011ರಲ್ಲಿ ವನ್ಯಜೀವಿ ಧಾಮವಾದ ಆ ಕಾಡಿನಲ್ಲಿ ತೋಳ, ಕತ್ತೆಕಿರುಬ, ನರಿಗಳಿವೆ. ಚಂದ್ರಂಪಳ್ಳಿ ಜಲಾಶಯದ ನೀರು ನೋಡಿದರೆ ಇದು ನಮ್ಮ ಒಣ ನೆಲವೇ ಅನಿಸುತ್ತದೆ. ಅಲ್ಲಿಯ ಪ್ರಾಣಿಗಳಿಗೆ ನಮ್ಮ ಹಂಗಿಲ್ಲ, ದೂರದಿಂದ ನೋಡಿ ಬಂದರೆ ಸಾಕು. ಮೊಬೈಲ್ ಹಿಡಿದು ಹತ್ತಿರ ಹೋಗಬೇಡ, ಮಂಗಕ್ಕೆ ತಿನಿಸು ಕೊಡಬೇಡ, ಮರಿ ಸಿಕ್ಕಿತೆಂದು ಎತ್ತಿಕೊಳ್ಳಬೇಡ. ಆದರೆ ನನಗೆ ನಿಜವಾಗಿ ಹೆದರಿಕೆ ಇರುವುದು ಈ ಯಾವ ಪ್ರಾಣಿಯದ್ದೂ ಅಲ್ಲ. ಖಣಿಯ ನೀರಿನದು.

ಎಂಡ್‌ನ ನೆಲದ ಕಲ್ಲು ಮಾಸಲು ಹಳದಿ. ನಮ್ಮ ಪರ್ಸಿ ಕಲ್ಲು ಬೂದು, ನೀಲಿ ಮಿಶ್ರಿತ ಬೂದು, ಕೆಲವೆಡೆ ಹಳದಿ. ಬೆನ್ನುಮೂಳೆ ಇರುವ ಪ್ರಾಣಿ ಭೂಮಿಯ ಮೇಲೆ ಹುಟ್ಟುವುದಕ್ಕೂ ಮುಂಚೆ ಇಲ್ಲಿದ್ದ ಸಮುದ್ರದ ತಳದಲ್ಲಿ ಪದರ ಪದರವಾಗಿ ಕೂತ ಸುಣ್ಣಗಲ್ಲು ಅದು. ಪದರ ಇರುವುದರಿಂದಲೇ ಹಾರೆ, ಉಳಿ ಹಾಕಿ ಎಬ್ಬಿಸಿದರೆ ಹಲಗೆಯಂತೆ ಏಳುತ್ತದೆ. ಅದರಿಂದಲೇ ಶಹಾಬಾದ್ ಕಲ್ಲು ದೇಶದ ಎಷ್ಟೋ ಮನೆ, ರೈಲು ನಿಲ್ದಾಣಗಳ ನೆಲಕ್ಕೆ ಹೋಯಿತು. ವಾಡಿ, ಸೇಡಂ, ಮಳಖೇಡದಲ್ಲಿ ಸಿಮೆಂಟ್ ಕಾರ್ಖಾನೆಗಳು ಎದ್ದು ನಿಂತದ್ದೂ ಇದೇ ಸುಣ್ಣಗಲ್ಲಿನ ಬಲದಿಂದ. ನಮ್ಮ ಅನ್ನ ಅದು. ಆದರೆ ಹಾಗೆ ಪದರ ಎಬ್ಬಿಸಿದ ಖಣಿಯ ಗೋಡೆ ಹೇಗಿರುತ್ತದೆ, ನೋಡಿದ್ದೀಯಾ? ಕೆರೆಯ ದಂಡೆ ಇಳಿಜಾರು, ಕಾಲು ತಾಗುತ್ತಾ ತಾಗುತ್ತಾ ಆಳಕ್ಕೆ ಹೋಗುತ್ತದೆ. ಬಾವಿಗೆ ಮೆಟ್ಟಿಲಿರುತ್ತದೆ. ಖಣಿಗೆ ಎರಡೂ ಇಲ್ಲ. ಗೋಡೆ ನೆಟ್ಟಗೆ, ನುಣ್ಣಗೆ. ದಂಡೆಯಿಂದ ಒಂದು ಹೆಜ್ಜೆ ಇಟ್ಟರೆ ಮೊಣಕಾಲುದ್ದ, ಮುಂದಿನ ಹೆಜ್ಜೆಗೆ ತಳ ಸಿಗದು. ಅಂಚಿನ ಮೇಲೆ ಒಟ್ಟಿದ ಚೂರುಕಲ್ಲು ಕಾಲಡಿಯಲ್ಲೇ ಜಾರುತ್ತದೆ. ಮೇಲೆ ಬೆಚ್ಚಗಿರುವ ನೀರು ಕೆಳಗೆ ಕೊರೆಯುವಷ್ಟು ತಣ್ಣಗಿರುತ್ತದೆ, ದಣಿದ ಕಾಲು ಅಲ್ಲೇ ಸೆಟೆದುಕೊಳ್ಳುತ್ತದೆ. ಈಜು ಬಲ್ಲವನೂ ದಂಡೆಗೆ ಬಂದು ಹಿಡಿಯಲು ಏನೂ ಸಿಗದೆ ಕೈ ಸೋಲುತ್ತಾನೆ. ಕೆಲಸ ನಿಂತ ಖಣಿಯಲ್ಲಿ ಮಳೆನೀರು ತುಂಬಿ ಹಸಿರಾಗಿ ಹೊಳೆಯುವಾಗ, ಅದು ಎಷ್ಟು ಆಳ ಎಂದು ದಂಡೆಯ ಮೇಲೆ ನಿಂತವರಿಗೆ ಹೇಳಲಾಗದು.

ನಿಮ್ಮ ಆಟದಲ್ಲಿ ಹಾರ್ಡ್‌ಕೋರ್ ಎಂಬ ಒಂದು ಬಗೆ ಇದೆ. ಒಂದೇ ಜೀವ, ಸತ್ತರೆ ಆ ಲೋಕ ಮುಗಿಯಿತು. ಅದನ್ನು ಆಡುವಾಗ ನೀನು ಹುಡುಗಾಟಕ್ಕೂ ಅಂಚಿಗೆ ಹೋಗುವುದಿಲ್ಲ. ಖಣಿ ಪ್ರತಿ ದಿನವೂ ಹಾರ್ಡ್‌ಕೋರ್. ಗೆಳೆಯರು ಹಾರು ಅಂದರೆ, ಅಂಜಿದೆಯಾ ಅಂದರೆ, ಹೌದು ಅಂಜಿದೆ ಎಂದು ಹೇಳಿ ಹಿಂದೆ ಸರಿ. ಈಜು ಕಲಿಯುವ ಆಸೆ ಇದ್ದರೆ ಮೆಟ್ಟಿಲಿರುವ ಬಾವಿಯಲ್ಲಿ, ಬಲ್ಲವರ ಜೊತೆ, ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಕಲಿ. ಕಾಗಿಣಾ ನದಿಯಲ್ಲಂತೂ ಮಳೆಗಾಲದಲ್ಲಿ ಇಳಿಯಲೇಬೇಡ.

ಕಣ್ಣೆದುರೇ ಒಬ್ಬ ಮುಳುಗುತ್ತಿದ್ದರೆ ನೀನು ಹಾರಬೇಡ. ಇದು ಕಲ್ಲು ಮನಸ್ಸಿನ ಮಾತಲ್ಲ. ಮುಳುಗುವವನು ಸಿಕ್ಕಿದ್ದನ್ನು ಹಿಡಿದು ಕೆಳಗೆ ಒತ್ತುತ್ತಾನೆ, ಉಳಿಸಲು ಹೋದವನನ್ನೂ ಬಿಡುವುದಿಲ್ಲ. ಜೋರಾಗಿ ಕೂಗು. ಹಗ್ಗ, ಧೋತರ, ಓಢಣಿ, ಉದ್ದನೆಯ ಬಿದಿರು, ಏನು ಸಿಕ್ಕರೂ ಚಾಚು. ಬಾಯಿ ಮುಚ್ಚಿದ ಖಾಲಿ ಪ್ಲಾಸ್ಟಿಕ್ ಕ್ಯಾನ್ ಎಸೆದರೆ ಅದನ್ನು ಅಪ್ಪಿಕೊಂಡು ತೇಲಬಹುದು. ನೀನು ದಂಡೆಯ ಮೇಲೆ ಬೋರಲಾಗಿ ಮಲಗಿಯೇ ಎಳೆ, ನಿಂತು ಎಳೆದರೆ ಜಾರುತ್ತೀ. ಮೇಲೆ ತಂದ ಮೇಲೆ ತಲೆಕೆಳಗಾಗಿ ನೇತು ಹಾಕುವುದು, ಹೊಟ್ಟೆ ಒತ್ತುವುದು ಬೇಡ. ಉಸಿರಿಲ್ಲದಿದ್ದರೆ ಬಾಯಿಗೆ ಬಾಯಿಟ್ಟು ಉಸಿರು ಕೊಡಬೇಕು, ಎದೆ ಒತ್ತಬೇಕು, ಅಷ್ಟರಲ್ಲಿ ಇನ್ನೊಬ್ಬ 108ಕ್ಕೆ ಫೋನ್ ಮಾಡಬೇಕು. ಇದನ್ನು ಶಾಲೆಯಲ್ಲಿ ಕಲಿಸಿಲ್ಲವಾದರೆ ನಿನ್ನ ಮೇಷ್ಟ್ರನ್ನು ಕೇಳು, ಆಸ್ಪತ್ರೆಯವರನ್ನು ಕರೆಸಿ ಒಂದು ದಿನ ಕಲಿಸಲಿ.

ಈ ಮಾತನ್ನು ಓದುವ ದೊಡ್ಡವರಿಗೂ ಒಂದು ವಿನಂತಿ. ಮಗನ ಕೈಯಿಂದ ಮೊಬೈಲ್ ಕಿತ್ತುಕೊಂಡು ಹೊರಗೆ ಆಡು ಹೋಗು ಎಂದು ಅಟ್ಟುವಾಗ, ಹೊರಗೆ ಅವನಿಗೆ ಆಡಲು ಯಾವ ಜಾಗ ಉಳಿಸಿದ್ದೇವೆ ಎಂದು ನೋಡಿಕೊಳ್ಳಿ. ಕಲ್ಲು ಎತ್ತಿ ಮುಗಿಸಿದ ಖಣಿಗೆ ಮುಳ್ಳುತಂತಿ ಹಾಕಿಸುವುದು, ಒಂದು ಮಗ್ಗುಲಲ್ಲಾದರೂ ಚೂರುಕಲ್ಲು ತುಂಬಿ ಇಳಿಜಾರು ಮಾಡಿಸುವುದು, ಅಪಾಯ ಎಂದು ದೊಡ್ಡ ಅಕ್ಷರದಲ್ಲಿ ಬರೆಸುವುದು ಖಣಿಯ ಧಣಿಗಳ, ಪಂಚಾಯಿತಿಯ, ಪುರಸಭೆಯ ಕೆಲಸ. ಗ್ರಾಮಸಭೆಯಲ್ಲಿ ಎದ್ದು ನಿಂತು ಕೇಳಿ, ಠರಾವು ಬರೆಸಿ. ಅದು ಆಗುವ ತನಕ ಊರಿಗೆ ಹತ್ತಿರದ ಪ್ರತಿ ಖಣಿಯ ದಂಡೆಗೆ ಒಂದು ಗೂಟ ನೆಟ್ಟು, ಅದಕ್ಕೊಂದು ಉದ್ದನೆಯ ಗಟ್ಟಿ ಹಗ್ಗ, ಹಗ್ಗದ ತುದಿಗೆ ಬಾಯಿ ಬಿಗಿದ ಎರಡು ಖಾಲಿ ಕ್ಯಾನ್ ಕಟ್ಟಿಡಿ. ಖರ್ಚು ಬಹಳವಿಲ್ಲ, ಈ ಬೇಸಿಗೆ ರಜೆ ಶುರುವಾಗುವ ಮುಂಚೆಯೇ ಮಾಡಿ.