ಆಡಿದವರೇ ಆಡಿಸಬೇಕೇ? ಸರಾಸರಿಯ ಪಾಠದಲ್ಲಿ ಒಂದು ಫುಟ್‌ಬಾಲ್ ಪ್ರಶ್ನೆ

ತರಗತಿ: 9
ವಿಷಯ: ಗಣಿತ
ಘಟಕ: ಸಂಖ್ಯಾಶಾಸ್ತ್ರ
ಅವಧಿ: 40 ನಿಮಿಷಗಳ ಎರಡು ತರಗತಿಗಳು

ಹಿನ್ನೆಲೆ

ಅಭ್ಯಾಸ ಬೋಧನೆಗೆ ನನಗೆ ಸಿಕ್ಕಿದ್ದು ನಾನೇ ಓದಿದ ಪ್ರೌಢಶಾಲೆ. ಎಸ್ಸೆಸ್ಸೆಲ್ಸಿಯಲ್ಲಿ ಗಣಿತಕ್ಕೆ ನೂರಕ್ಕೆ ನೂರು ಅಂಕ ಪಡೆದು ಹೊರಬಂದಿದ್ದ ಶಾಲೆ ಅದು. ಮೊದಲ ದಿನ ಪ್ರಾರ್ಥನೆಯ ವೇಳೆ ಮುಖ್ಯೋಪಾಧ್ಯಾಯರು ಅದನ್ನೇ ಹೇಳಿ ಮಕ್ಕಳಿಗೆ ನನ್ನನ್ನು ಪರಿಚಯಿಸಿದರು, ಚಪ್ಪಾಳೆಯೂ ಬಿತ್ತು. ಮೊದಲ ವಾರದ ಪಾಠಗಳು ಚೆನ್ನಾಗಿಯೇ ನಡೆದವೆಂದು ನಾನು ನಂಬಿದ್ದೆ. ಕಿರುಪರೀಕ್ಷೆಯ ಉತ್ತರಪತ್ರಿಕೆಗಳನ್ನು ತಿದ್ದಲು ಕುಳಿತಾಗ ಅರ್ಧ ತರಗತಿಗೆ ನನ್ನ ಪಾಠ ತಲುಪಿಯೇ ಇಲ್ಲ ಎಂದು ಗೊತ್ತಾಯಿತು.

ಅದೇ ವಾರ ಆಟದ ಅವಧಿಯಲ್ಲಿ ಹುಡುಗರ ಒಂದು ಜಗಳ ಕಿವಿಗೆ ಬಿತ್ತು. ಮ್ಯಾಂಚೆಸ್ಟರ್ ಯುನೈಟೆಡ್ ಜೆರ್ಸಿ ಹಾಕಿದ್ದ ಹುಡುಗ, "ಆ ಕ್ಲಬ್‌ಗೆ ಅಲ್ಲೇ ಆಡಿದ ದೊಡ್ಡ ಆಟಗಾರನೇ ಮ್ಯಾನೇಜರ್ ಆಗ್ಬೇಕು, ಬೇರೆಯವರಿಗೆ ಏನು ಗೊತ್ತಿರುತ್ತೆ?" ಎನ್ನುತ್ತಿದ್ದ. ಇನ್ನೊಬ್ಬ, "ಆಡೋದು ಬೇರೆ, ಆಡ್ಸೋದು ಬೇರೆ ಕಣೋ" ಎಂದ. ಇಂಗ್ಲೆಂಡಿನ ಫುಟ್‌ಬಾಲ್‌ನಲ್ಲಿ ಮ್ಯಾನೇಜರ್ ಎಂದರೆ ಲೆಕ್ಕಪತ್ರ ನೋಡುವವರಲ್ಲ. ತರಬೇತಿ ಕೊಟ್ಟು, ತಂಡ ಆರಿಸಿ, ಹೇಗೆ ಆಡಬೇಕೆಂದು ನಿರ್ಧರಿಸುವ ಮುಖ್ಯ ತರಬೇತುದಾರರು. ಈ ಜಗಳವನ್ನೇ ಸಂಖ್ಯಾಶಾಸ್ತ್ರದ ಪಾಠವಾಗಿಸಲು ನಿರ್ಧರಿಸಿದೆ.

ಕಲಿಕಾ ಫಲಗಳು

ಪಾಠದ ಕೊನೆಗೆ ವಿದ್ಯಾರ್ಥಿಗಳು,
1. ಕೊಟ್ಟ ದತ್ತಾಂಶದಿಂದ ಗೆಲುವಿನ ಶೇಕಡಾವಾರನ್ನು ಕಂಡುಹಿಡಿಯುವರು.
2. ಶೇಕಡಾಗಳ ಸರಾಸರಿಗೂ ಒಟ್ಟು ಮೊತ್ತದ ಶೇಕಡಾಕ್ಕೂ ಇರುವ ವ್ಯತ್ಯಾಸವನ್ನು ಗುರುತಿಸುವರು.
3. ಕಡಿಮೆ ಸಂಖ್ಯೆಯ ದತ್ತಾಂಶದಿಂದ ತೀರ್ಮಾನಕ್ಕೆ ಬರುವಾಗ ಆಗುವ ತಪ್ಪನ್ನು ವಿವರಿಸುವರು.

ಬೋಧನೋಪಕರಣ

ಐದು ರಟ್ಟಿನ ಕಾರ್ಡುಗಳನ್ನು ಸಿದ್ಧಪಡಿಸಿದೆ. ಒಂದೊಂದರಲ್ಲಿ ತನ್ನ ಹಳೆಯ ಕ್ಲಬ್ಬಿಗೇ ಮ್ಯಾನೇಜರ್ ಆಗಿ ಮರಳಿದ ಒಬ್ಬೊಬ್ಬ ಆಟಗಾರನ ವಿವರ. ಗೆಲುವಿನ ಶೇಕಡಾದ ಕಾಲಮ್ಮನ್ನು ಖಾಲಿ ಬಿಟ್ಟಿದ್ದೆ. ಮಕ್ಕಳು ತುಂಬಿದ ನಂತರ ಕಪ್ಪುಹಲಗೆಯ ಮೇಲಿನ ಕೋಷ್ಟಕ ಹೀಗಿತ್ತು:

| ಹೆಸರು, ಕ್ಲಬ್ | ಅವಧಿ | ಪಂದ್ಯ | ಗೆಲುವು | ಡ್ರಾ | ಸೋಲು | ಶೇಕಡಾ ಗೆಲುವು |
|---|---|---|---|---|---|---|
| ಅಲನ್ ಶಿಯರರ್, ನ್ಯೂಕ್ಯಾಸಲ್ | 2009 | 8 | 1 | 2 | 5 | 12.50 |
| ಫ್ರಾಂಕ್ ಲ್ಯಾಂಪಾರ್ಡ್, ಚೆಲ್ಸಿ | 2019–21 | 84 | 44 | 17 | 23 | 52.38 |
| ಓಲೆ ಗುನ್ನಾರ್ ಸೋಲ್‌ಶೇರ್, ಮ್ಯಾಂಚೆಸ್ಟರ್ ಯುನೈಟೆಡ್ | 2018–21 | 168 | 91 | 37 | 40 | 54.17 |
| ಆಂಡ್ರಿಯಾ ಪಿರ್ಲೊ, ಯುವೆಂಟಸ್ | 2020–21 | 52 | 34 | 10 | 8 | 65.38 |
| ಪೆಪ್ ಗಾರ್ಡಿಯೊಲಾ, ಬಾರ್ಸಿಲೋನಾ | 2008–12 | 247 | 179 | 47 | 21 | 72.47 |

ಮೊದಲ ತರಗತಿ

ಪಾಠ ಆರಂಭಿಸುವ ಮೊದಲು ಕೈ ಎತ್ತಿಸಿದೆ. "ಹಳೆಯ ತಾರಾ ಆಟಗಾರನೇ ಕ್ಲಬ್ಬಿನ ಮ್ಯಾನೇಜರ್ ಆಗಬೇಕೇ?" ಎಂಬುದಕ್ಕೆ ಬಹುತೇಕ ಎಲ್ಲ ಕೈಗಳೂ ಮೇಲೆದ್ದವು. ಕಾರಣವೂ ಅವರ ಬಳಿ ಇತ್ತು. ಶಿಯರರ್ ನ್ಯೂಕ್ಯಾಸಲ್ ಪರ 206 ಗೋಲು ಹೊಡೆದವರು, ಲ್ಯಾಂಪಾರ್ಡ್ ಚೆಲ್ಸಿ ಪರ 211. ಎರಡೂ ಆಯಾ ಕ್ಲಬ್ಬಿನ ದಾಖಲೆ. ಸೋಲ್‌ಶೇರ್ ಬದಲಿ ಆಟಗಾರನಾಗಿ ಇಳಿದು, 1999ರ ಚಾಂಪಿಯನ್ಸ್ ಲೀಗ್ ಫೈನಲ್‌ನಲ್ಲಿ ಬೇಯರ್ನ್ ಮ್ಯೂನಿಕ್ ವಿರುದ್ಧ ಕೊನೆಯ ಗಳಿಗೆಯಲ್ಲಿ ಗೆಲುವಿನ ಗೋಲು ಹೊಡೆದವರು. "ಇಷ್ಟೆಲ್ಲ ಮಾಡಿದವರಿಗೆ ಹೇಳ್ಕೊಡೋಕೆ ಬರಲ್ವಾ ಸಾರ್?" ಎಂದು ಒಬ್ಬ ಕೇಳಿದ. ನೂರಕ್ಕೆ ನೂರು ಪಡೆದವನಿಗೆ ಪಾಠ ಮಾಡಲು ಬರುವುದಿಲ್ಲವೇ ಎಂದೇ ನನಗೆ ಕೇಳಿಸಿತು.

ಐದು ಗುಂಪುಗಳು ಶೇಕಡಾ ಲೆಕ್ಕ ಮಾಡಿ ಹಲಗೆಯ ಮೇಲೆ ಬರೆದವು. ಗೋಲುಗಳ ದಾಖಲೆ ಇರುವ ಇಬ್ಬರೂ ಕೋಷ್ಟಕದ ಕೆಳತುದಿಯಲ್ಲಿದ್ದಾರೆ ಎಂಬುದನ್ನು ಮಕ್ಕಳೇ ಗಮನಿಸಿದರು.

ನಂತರ ಸೋಲ್‌ಶೇರ್ ಕಾರ್ಡನ್ನು ಎರಡು ಭಾಗ ಮಾಡಿ ಕೊಟ್ಟೆ. ಅವರು 2018ರ ಡಿಸೆಂಬರ್‌ನಲ್ಲಿ ತಾತ್ಕಾಲಿಕವಾಗಿ ಬಂದವರು. ಮೊದಲ 19 ಪಂದ್ಯಗಳಲ್ಲಿ 14 ಗೆದ್ದರು, ಅಂದರೆ ಶೇ. 73.68. ಕ್ಲಬ್ 2019ರ ಮಾರ್ಚ್‌ನಲ್ಲಿ ಅವರನ್ನು ಕಾಯಂ ಮಾಡಿತು. ಉಳಿದ 149 ಪಂದ್ಯಗಳಲ್ಲಿ ಗೆದ್ದದ್ದು 77, ಶೇ. 51.68. ಇನ್ನೂ ಒಂದು ಹೆಜ್ಜೆ ಮುಂದೆ ಹೋದೆವು. ಮೊದಲ 19 ಪಂದ್ಯಗಳನ್ನಷ್ಟೇ ನೋಡಿದರೆ ಸೋಲ್‌ಶೇರ್ ಅವರ ಶೇಕಡಾ ಗಾರ್ಡಿಯೊಲಾ ಅವರ 247 ಪಂದ್ಯಗಳ ಶೇಕಡಾಕ್ಕಿಂತ ಹೆಚ್ಚು! ಒಂದು ಹುಡುಗಿ, "ಹತ್ತೊಂಬತ್ತಕ್ಕೇ ನಂಬಿಬಿಟ್ರಾ ಸಾರ್?" ಎಂದಳು. ಕಡಿಮೆ ದತ್ತಾಂಶದ ಅಪಾಯವನ್ನು ಇದಕ್ಕಿಂತ ಚೆನ್ನಾಗಿ ನಾನು ಹೇಳುತ್ತಿರಲಿಲ್ಲ.

ಎರಡನೇ ತರಗತಿ

ಇಲ್ಲಿ ತಪ್ಪಿದವನು ನಾನು. ಐದು ಶೇಕಡಾಗಳನ್ನು ಕೂಡಿ ಐದರಿಂದ ಭಾಗಿಸಿ, 256.90 ÷ 5 = 51.38 ಎಂದು ಹಲಗೆಯ ಮೇಲೆ ಬರೆದೆ. "ಹಳೆಯ ತಾರೆ ಮ್ಯಾನೇಜರ್ ಆದರೆ ನೂರು ಪಂದ್ಯಗಳಲ್ಲಿ ಸುಮಾರು 51 ಗೆಲ್ಲುತ್ತಾರೆ" ಎಂದು ಅದರ ಕೆಳಗೆ ತೀರ್ಮಾನವನ್ನೂ ಬರೆದು ಗೆರೆ ಎಳೆದೆ. ಹಿಂದಿನ ಬೆಂಚಿನಲ್ಲಿ ಮಾರ್ಗದರ್ಶಕ ಶಿಕ್ಷಕರು ಕುಳಿತಿದ್ದರು. ಏನೂ ಹೇಳಲಿಲ್ಲ. ಮಕ್ಕಳು ಬರೆದುಕೊಳ್ಳತೊಡಗಿದರು.

ಹಿಂದಿನ ದಿನ ಕೇಳಿದ್ದ ಅದೇ ಹುಡುಗಿ ಎದ್ದು ನಿಂತಳು. "ಸಾರ್, ಶಿಯರರ್‌ದು ಎಂಟೇ ಮ್ಯಾಚು, ಗಾರ್ಡಿಯೊಲಾದು 247. ಇಬ್ಬರಿಗೂ ಒಂದೇ ತೂಕ ಯಾಕೆ ಸಾರ್?"

ಒಂದು ಕ್ಷಣ ಮಾತು ಹೊರಡಲಿಲ್ಲ. ಆಮೇಲೆ, "ನೀನು ಹೇಳಿದ್ದು ಸರಿ. ಬಾ, ಹೇಗೆ ಮಾಡಬೇಕು ಅಂತ ನೀನೇ ಬರಿ" ಎಂದು ಸೀಮೆಸುಣ್ಣ ಕೊಟ್ಟೆ. ಅವಳು ಎಲ್ಲ ಗೆಲುವುಗಳನ್ನು ಕೂಡಿದಳು: 349. ಎಲ್ಲ ಪಂದ್ಯಗಳನ್ನು ಕೂಡಿದಳು: 559. ಭಾಗಿಸಿದಾಗ ಬಂದದ್ದು ಶೇ. 62.43. ನನ್ನ ಉತ್ತರಕ್ಕೂ ಇದಕ್ಕೂ ಹನ್ನೊಂದರಷ್ಟು ಅಂತರ.

ಎರಡೂ ಲೆಕ್ಕಗಳಿಗೆ ಅರ್ಥವಿದೆ, ಆದರೆ ಅವು ಉತ್ತರಿಸುವ ಪ್ರಶ್ನೆಗಳು ಬೇರೆ ಎಂದು ಒಟ್ಟಿಗೆ ಬಿಡಿಸಿಕೊಂಡೆವು. ಪ್ರತಿ ಮ್ಯಾನೇಜರನ್ನೂ ಒಂದೊಂದು ಘಟಕವೆಂದು ಎಣಿಸಿದರೆ 51.38. ಪ್ರತಿ ಪಂದ್ಯವನ್ನೂ ಒಂದೊಂದು ಘಟಕವೆಂದು ಎಣಿಸಿದರೆ 62.43. ನಾನು ಬರೆದ ವಾಕ್ಯ ಪಂದ್ಯಗಳ ಬಗ್ಗೆ, ಮಾಡಿದ ಲೆಕ್ಕ ಮ್ಯಾನೇಜರುಗಳ ಬಗ್ಗೆ. ಜೊತೆಗೆ ಈ ಐವರನ್ನು ಆರಿಸಿದವನೂ ನಾನೇ. ಬೇರೆ ಐವರನ್ನು ಆರಿಸಿದ್ದರೆ ಎರಡೂ ಸಂಖ್ಯೆಗಳು ಬದಲಾಗುತ್ತಿದ್ದವು. ಆದ್ದರಿಂದ ಮುಂದೆ ಬರುವ ಯಾವುದೇ ತಾರೆಯ ಬಗ್ಗೆ ಇವೆರಡೂ ಭವಿಷ್ಯ ಹೇಳಲಾರವು.

ಶೇಕಡಾ ಹೇಳದ ಸಂಗತಿಗಳು

ಉಳಿದ ಸಮಯದಲ್ಲಿ ಕಾರ್ಡುಗಳ ಹಿಂಬದಿಯನ್ನು ಓದಿಸಿದೆ. ಅಲ್ಲಿ ಎರಡು ವಿವರಗಳಿದ್ದವು: ಅವರು ಬಂದಾಗ ಕ್ಲಬ್ ಎಲ್ಲಿತ್ತು, ಆಟ ನಿಲ್ಲಿಸಿದ ಮೇಲೆ ಅವರು ಏನು ಕಲಿತಿದ್ದರು.

ಶಿಯರರ್ ಬಂದಾಗ ಋತುವಿನಲ್ಲಿ ಎಂಟೇ ಪಂದ್ಯ ಉಳಿದಿದ್ದವು, ತಂಡ ಆಗಲೇ ಕೆಳಗಿನ ದರ್ಜೆಗೆ ಇಳಿಯುವ ಅಂಚಿನಲ್ಲಿತ್ತು. ಕೊನೆಗೆ ಇಳಿಯಿತು. ಅದಕ್ಕೆ ಮೊದಲು ಅವರು ಯಾವ ತಂಡವನ್ನೂ ನಡೆಸಿರಲಿಲ್ಲ. ಪಿರ್ಲೊ ನೂರಕ್ಕೆ 65 ಗೆದ್ದರೂ ಒಂದೇ ವರ್ಷಕ್ಕೆ ಕೆಲಸ ಕಳೆದುಕೊಂಡರು. ಸತತ ಒಂಬತ್ತು ವರ್ಷ ಇಟಲಿಯ ಲೀಗ್ ಗೆದ್ದಿದ್ದ ಯುವೆಂಟಸ್ ಅವರ ಕೈಯಲ್ಲಿ ನಾಲ್ಕನೇ ಸ್ಥಾನಕ್ಕೆ ಬಂದಿತ್ತು. ಅವರನ್ನು ಮೊದಲು ನೇಮಿಸಿದ್ದು ಕ್ಲಬ್ಬಿನ ಕಿರಿಯರ ತಂಡಕ್ಕೆ. ಅಲ್ಲಿ ಒಂದು ಪಂದ್ಯವನ್ನೂ ಆಡಿಸುವ ಮೊದಲೇ ಹಿರಿಯರ ತಂಡವನ್ನು ಕೈಗಿಟ್ಟರು. ಲ್ಯಾಂಪಾರ್ಡ್ ಡರ್ಬಿ ಕೌಂಟಿಯಲ್ಲಿ ಒಂದೇ ಋತು ಕಳೆದು ಚೆಲ್ಸಿಗೆ ಬಂದರು. 2021ರ ಜನವರಿಯಲ್ಲಿ ಅವರನ್ನು ತೆಗೆದ ಮೇಲೆ ಬಂದ ಥಾಮಸ್ ಟುಚೆಲ್ ಅದೇ ಆಟಗಾರರೊಂದಿಗೆ ಮೇ ತಿಂಗಳಲ್ಲಿ ಚಾಂಪಿಯನ್ಸ್ ಲೀಗ್ ಗೆದ್ದರು.

ಗಾರ್ಡಿಯೊಲಾ 2007–08ರಲ್ಲಿ ಬಾರ್ಸಿಲೋನಾದ ಬಿ ತಂಡವನ್ನು ಸ್ಪೇನಿನ ನಾಲ್ಕನೇ ದರ್ಜೆಯ ಲೀಗ್‌ನಲ್ಲಿ ನಡೆಸಿ, ಮೇಲಿನ ದರ್ಜೆಗೆ ಏರಿಸಿ, ನಂತರ ಹಿರಿಯರ ತಂಡಕ್ಕೆ ಬಂದವರು. ಕಾರ್ಡಿನಲ್ಲಿ ಇಲ್ಲದ ಜಿನೆದಿನ್ ಜಿದಾನ್ ಕೂಡ ರಿಯಲ್ ಮ್ಯಾಡ್ರಿಡ್‌ನಲ್ಲಿ ಮೊದಲು ಸಹಾಯಕರಾಗಿ, ಆಮೇಲೆ ಎರಡನೇ ತಂಡದ ತರಬೇತುದಾರರಾಗಿ ದುಡಿದು 2016ರಲ್ಲಿ ಹೊಣೆ ಹೊತ್ತರು. 2016, 2017, 2018 ಮೂರೂ ವರ್ಷ ಚಾಂಪಿಯನ್ಸ್ ಲೀಗ್ ಗೆದ್ದರು.

"ಹಾಗಾದ್ರೆ ನಮ್ಮ ದ್ರಾವಿಡ್ ಥರ ಸಾರ್" ಎಂದ ಒಬ್ಬ. ಆಟ ಬೇರೆಯಾದರೂ ಹೋಲಿಕೆ ಸರಿಯಾಗಿತ್ತು. ರಾಹುಲ್ ದ್ರಾವಿಡ್ ನೇರವಾಗಿ ಹಿರಿಯರ ತಂಡಕ್ಕೆ ಬರಲಿಲ್ಲ. 19 ವರ್ಷದೊಳಗಿನವರ ತಂಡ ಮತ್ತು ಭಾರತ 'ಎ' ತಂಡ, ಆಮೇಲೆ ಬೆಂಗಳೂರಿನ ರಾಷ್ಟ್ರೀಯ ಕ್ರಿಕೆಟ್ ಅಕಾಡೆಮಿ, ಅದಾದ ಮೇಲೆ 2021ರಲ್ಲಿ ಭಾರತ ತಂಡ.

ಇಷ್ಟು ಕೇಳಿದ ಮೇಲೆ, ಕೆಳಗಿನಿಂದ ಕಲಿತು ಬಂದರೆ ಸಾಕು ಎಂದು ಮಕ್ಕಳು ತೀರ್ಮಾನಿಸಲು ಹೊರಟರು. ಆಗ ಸೋಲ್‌ಶೇರ್ ಕಾರ್ಡನ್ನು ಮತ್ತೆ ಎತ್ತಿದೆ. ಅವರು ಯುನೈಟೆಡ್‌ನ ಮೀಸಲು ತಂಡ ನಡೆಸಿದ್ದರು, ನಾರ್ವೆಯ ಮೋಲ್ಡೆ ಕ್ಲಬ್ಬಿಗೆ 2011 ಮತ್ತು 2012ರಲ್ಲಿ ಲೀಗ್ ಗೆದ್ದುಕೊಟ್ಟಿದ್ದರು. ಹಾಗಿದ್ದೂ ಯುನೈಟೆಡ್‌ನಲ್ಲಿ ಒಂದು ಪ್ರಶಸ್ತಿಯೂ ಸಿಗಲಿಲ್ಲ. ಇತ್ತ ಅಲೆಕ್ಸ್ ಫರ್ಗುಸನ್ ಯುನೈಟೆಡ್ ಪರ ಒಮ್ಮೆಯೂ ಆಡಿದವರಲ್ಲ. 1986ರಿಂದ 2013ರವರೆಗೆ ಅದೇ ಕ್ಲಬ್ಬಿಗೆ 13 ಲೀಗ್ ಪ್ರಶಸ್ತಿ ತಂದುಕೊಟ್ಟರು. ಇಟಲಿಯ ಅರಿಗೊ ಸಾಕಿ ವೃತ್ತಿಪರ ಆಟಗಾರರೇ ಆಗಿರಲಿಲ್ಲ. ಎಸಿ ಮಿಲಾನ್ 1989 ಮತ್ತು 1990ರಲ್ಲಿ ಯುರೋಪಿಯನ್ ಕಪ್ ಗೆದ್ದದ್ದು ಅವರ ತರಬೇತಿಯಲ್ಲಿ.

ಮೌಲ್ಯಮಾಪನ

ಪಾಠದ ಕೊನೆಗೆ ಮತ್ತೆ ಕೈ ಎತ್ತಿಸದೆ, ಒಂದು ಚೀಟಿಯಲ್ಲಿ ಎರಡು ವಾಕ್ಯ ಬರೆಯಲು ಹೇಳಿದೆ: "ನೀವು ಕ್ಲಬ್ಬಿನ ಮಾಲೀಕರಾದರೆ ಹಳೆಯ ತಾರೆಯನ್ನು ಕರೆಯುವಿರಾ? ಕರೆಯುವ ಮೊದಲು ಏನು ಕೇಳುವಿರಿ?" ಬರೇ "ಹೌದು" ಎಂದವರು ಕೆಲವರಷ್ಟೇ. ಹೆಚ್ಚಿನವರು ಷರತ್ತು ಹಾಕಿದ್ದರು. "ಮೊದಲು ಚಿಕ್ಕ ತಂಡ ನಡೆಸಿ ತೋರಿಸಲಿ", "ಎಷ್ಟು ಮ್ಯಾಚ್ ನೋಡಬೇಕು ಅಂತ ಮೊದಲೇ ಹೇಳಬೇಕು". ಒಬ್ಬ ಬರೆದಿದ್ದ: "ಸೋತರೆ ತೆಗೆಯೋಕೆ ಮನಸ್ಸು ಬರದೇ ಇರೋರನ್ನ ಇಟ್ಕೋಬಾರದು."

ಆತ್ಮಾವಲೋಕನ

ತರಗತಿ ಮುಗಿದ ಮೇಲೆ ಸ್ಟಾಫ್ ರೂಮಿನಲ್ಲಿ ಮಾರ್ಗದರ್ಶಕರನ್ನು, "ಸಾರ್, ನನ್ನ ತಪ್ಪು ನಿಮಗೆ ಆಗಲೇ ಗೊತ್ತಾಗಿತ್ತಲ್ಲ?" ಎಂದು ಕೇಳಿದೆ. ಅವರು ನನಗೂ ಗಣಿತ ಕಲಿಸಿದವರು. "ಗೊತ್ತಾಯ್ತಪ್ಪ. ನಮ್ಮ ಹುಡುಗ, ಮಕ್ಕಳ ಮುಂದೆ ಯಾಕೆ ಅಂತ ಸುಮ್ಮನಾದೆ. ಹೋದ ವಾರದ ಪಾಠದಲ್ಲೂ ನೀನು ಎರಡು ಹೆಜ್ಜೆ ಹಾರಿಸಿ ಹೋಗ್ತಿದ್ದೆ, ಅದನ್ನೂ ಹೇಳಲಿಲ್ಲ. ಹೇಳಬೇಕಿತ್ತು" ಎಂದರು. ನನ್ನ ವೀಕ್ಷಣಾ ಪುಸ್ತಕದಲ್ಲಿ ಮೊದಲ ವಾರವಿಡೀ "ಉತ್ತಮ" ಎಂದೇ ಇತ್ತು.

ಆ ಹುಡುಗನ ಚೀಟಿ ನನಗೆ ಪೂರ್ತಿ ಅರ್ಥವಾದದ್ದು ಆಗ. ಹಳೆಯ ಮನೆಗೆ ಮರಳುವವನಿಗೆ ಪ್ರೀತಿ ಸಿಗುತ್ತದೆ. ಆ ಪ್ರೀತಿಯಿಂದಲೇ ಅವನನ್ನು ಅಳೆಯುವ ಕೋಲು ಸಡಿಲವಾಗುತ್ತದೆ. 19 ಪಂದ್ಯಗಳ ಹೊಳಪಿಗೆ ಕ್ಲಬ್ ಮರುಳಾಗಬಹುದು, ಹಳೆಯ ಅಂಕಪಟ್ಟಿಗೆ ಶಾಲೆ ಮರುಳಾಗಬಹುದು. ಗೋಲು ಹೊಡೆಯುವುದು ಒಂದು ಜ್ಞಾನವಾದರೆ, ಗೋಲು ಹೊಡೆಯಲು ಇನ್ನೊಬ್ಬನಿಗೆ ಯಾಕೆ ಆಗುತ್ತಿಲ್ಲ ಎಂದು ಕಾಣುವುದು ಇನ್ನೊಂದು. ಲೀ ಶುಲ್ಮನ್ 1986ರಲ್ಲಿ ಶಿಕ್ಷಕರ ವಿಷಯ ಜ್ಞಾನದ ಜೊತೆಗೆ, ವಿಷಯವನ್ನು ಕಲಿಸಲು ಬೇಕಾದ ಪ್ರತ್ಯೇಕ ಜ್ಞಾನವೊಂದಿದೆ ಎಂದದ್ದನ್ನು ನಾವು ಪರೀಕ್ಷೆಗೆ ಓದಿ ಬರೆದಿದ್ದೇವೆ. ನನಗೆ ಸುಲಭವಾಗಿದ್ದ ಹೆಜ್ಜೆಗಳನ್ನೇ ನಾನು ಹಾರಿಸುತ್ತಿದ್ದೆ. ಕಷ್ಟಪಟ್ಟು ದಾಟಿದ್ದರೆ ಅವು ನೆನಪಿರುತ್ತಿದ್ದವು.

ಹಾಗೆಂದು ತಾರೆ ತನ್ನ ಕ್ಲಬ್ಬಿಗೆ ಮರಳಲೇಬಾರದು ಎಂದು ನಾನು ಹೇಳಲಾರೆ, ಗಾರ್ಡಿಯೊಲಾ ಮತ್ತು ಜಿದಾನ್ ಕಣ್ಣ ಮುಂದಿದ್ದಾರೆ. ಮರಳಲಿ. ಆದರೆ ಗೋಲುಗಳ ಲೆಕ್ಕ ಹಿಡಿದು ಬರುವುದು ಬೇಡ, ಕಲಿಸಲು ಕಲಿತು ಬರಲಿ. ಎಷ್ಟು ಪಂದ್ಯ, ಯಾವ ಅಳತೆ ಎಂಬುದು ಮೊದಲೇ ತೀರ್ಮಾನವಾಗಿರಲಿ. ತಪ್ಪಿದಾಗ ಮುಖಕ್ಕೆ ಹೇಳುವವರು ಒಬ್ಬರಾದರೂ ಪಕ್ಕದಲ್ಲಿರಲಿ.

ಈ ಪಾಠವನ್ನು ಬಳಸುವ ಸಹಪಾಠಿಗಳಿಗೆ ಎರಡು ಸೂಚನೆ. ಶೇಕಡಾಗಳ ಸರಾಸರಿಯ ತಪ್ಪನ್ನು ನಾನು ಅರಿಯದೆ ಮಾಡಿದೆ, ನೀವು ಬೇಕೆಂದೇ ಹಲಗೆಯ ಮೇಲೆ ಬರೆದು, ಮಕ್ಕಳೇ ಹಿಡಿಯಲು ಸಮಯ ಕೊಡಿ. ಅಭ್ಯಾಸ ಬೋಧನೆಗೆ ನೀವು ಓದಿದ ಶಾಲೆಯೇ ಸಿಕ್ಕಿದ್ದರೆ, ಮೊದಲ ದಿನವೇ ಮಾರ್ಗದರ್ಶಕರ ಬಳಿ ಹೋಗಿ, "ನನ್ನನ್ನು ಹೊಸಬನಂತೆ ನೋಡಿ ಸಾರ್" ಎಂದು ಕೇಳಿಕೊಳ್ಳಿ. ಎರಡನೇ ವಾರದಿಂದ ನಾನು ಹಾಗೆ ಕೇಳಿಕೊಂಡೆ. ವೀಕ್ಷಣಾ ಪುಸ್ತಕದಲ್ಲಿ "ಉತ್ತಮ" ಕಡಿಮೆಯಾಗಿದೆ, ಕೆಂಪು ಶಾಯಿ ಹೆಚ್ಚಾಗಿದೆ. ಮುಂದಿನ ಕಿರುಪರೀಕ್ಷೆಯಲ್ಲಿ ಖಾಲಿ ಬಿಟ್ಟ ಉತ್ತರಗಳೂ ಕಡಿಮೆಯಾದವು. ಒಂದೇ ಪರೀಕ್ಷೆಯಿಂದ ತೀರ್ಮಾನಕ್ಕೆ ಬರಬಾರದೆಂದು ನಾನೇ ಕಲಿಸಿದ್ದರಿಂದ, ಇನ್ನೆರಡು ಪರೀಕ್ಷೆ ಕಾಯುತ್ತೇನೆ.