ಹಬ್ಬದ ಮರುದಿನ

ಮಕ್ಕಳೇ, ಆಗಸ್ಟ್ 29ರಂದು ಶಿವಾಜಿನಗರದ ಸೇಂಟ್ ಮೇರೀಸ್ ಬೆಸಿಲಿಕಾದಲ್ಲಿ ಧ್ವಜ ಏರಿತೆಂದರೆ ಸೆಪ್ಟೆಂಬರ್ 8ರವರೆಗೆ ನಮ್ಮ ಕಂಟೋನ್ಮೆಂಟಿಗೆ ನಿದ್ದೆಯಿಲ್ಲ. ಕಾವಿ ಸೀರೆಯುಟ್ಟ ತಾಯಂದಿರು, ಕಾವಿ ಪಂಚೆಯ ಹುಡುಗರು, ಕೈಯಲ್ಲಿ ಮೇಣದಬತ್ತಿ, ಕಂಕುಳಲ್ಲಿ ಹರಕೆಯ ಕೂಸು. ಆರೋಗ್ಯ ಮಾತೆಯ ಬಳಿಗೆ ಹಿಂದೂಗಳು ಬರುತ್ತಾರೆ, ಮುಸ್ಲಿಮರು ಬರುತ್ತಾರೆ. ಯಾರನ್ನೂ ಯಾರೂ ನೀನ್ಯಾಕೆ ಬಂದೆ ಎಂದು ಕೇಳುವುದಿಲ್ಲ. ನೀವು ಎದೆಗೆ ಬ್ಯಾಡ್ಜ್ ಸಿಕ್ಕಿಸಿಕೊಂಡು ಸಾಲು ನಡೆಸುತ್ತೀರಿ, ನೀರು ಹಂಚುತ್ತೀರಿ, ತೇರಿನ ಮುಂದೆ ಹಗ್ಗ ಹಿಡಿದು ಜನರನ್ನು ಸಂಭಾಳಿಸುತ್ತೀರಿ. ನೋಡಿದರೆ ಹೊಟ್ಟೆ ತಂಪಾಗುತ್ತದೆ. ಆದರೆ ಇವತ್ತು ನಾನು ನಿಮ್ಮ ಕಿವಿಯಲ್ಲಿ ಹೇಳಬೇಕೆಂದಿರುವುದು ಸೆಪ್ಟೆಂಬರ್ 9ರ ಮಾತು.

ಆ ಬೆಳಿಗ್ಗೆ ಪೌರಕಾರ್ಮಿಕರು ಬಾಡಿದ ಹೂವನ್ನೂ ಮೇಣದ ಚೂರುಗಳನ್ನೂ ಗುಡಿಸಿ ಗುಡ್ಡೆ ಹಾಕುತ್ತಿರುತ್ತಾರೆ. ರಸೆಲ್ ಮಾರ್ಕೆಟ್ಟಿಗೆ ಎಂದಿನಂತೆ ತರಕಾರಿ ಲಾರಿಗಳು ಬಂದು ನಿಲ್ಲುತ್ತವೆ. ಒಂಬತ್ತು ದಿನದ ನೊವೇನಾದಲ್ಲಿ ಪ್ರತಿ ಸಂಜೆ ಬೇಡಿಕೊಂಡ ಹತ್ತಾರು ಕಾಯಿಲೆಸ್ಥರು ಅವರವರ ಮನೆಯ ಮೂಲೆಯಲ್ಲಿ ಅದೇ ಚಾಪೆಯ ಮೇಲೆ ಮಲಗಿರುತ್ತಾರೆ. ಹಬ್ಬಕ್ಕೆ ಅವರನ್ನು ಕುರ್ಚಿಯಲ್ಲಿ ಕೂರಿಸಿ ಹೊತ್ತು ತಂದವರಿಗೆ ಇನ್ನು ಮುಂದಿನ ಸೆಪ್ಟೆಂಬರಿನವರೆಗೆ ಪುರುಸೊತ್ತಿಲ್ಲ. ನಿಮ್ಮ ದೃಢೀಕರಣವಾಯಿತು, ಬಿಷಪ್ಪರು ನಿಮ್ಮ ಹಣೆಗೆ ಎಣ್ಣೆ ಹಚ್ಚಿದರು, ವಿಶ್ವಾಸ ಪ್ರಮಾಣವನ್ನು ನೀವು ತಡವರಿಸದೆ ಹೇಳುತ್ತೀರಿ. ಆ ವಿಶ್ವಾಸ ನಿಜವೋ ಅಲ್ಲವೋ ಎಂದು ತಿಳಿಯುವುದು ಚಾಪೆಯ ಮೇಲೆ ಮಲಗಿರುವವರಿಗೆ. ವಾರಕ್ಕೊಮ್ಮೆ, ತಪ್ಪದೆ, ಒಬ್ಬರ ಬಳಿ ಹೋಗಿ ಕೂತುಕೊಳ್ಳಿ. ನಾನು ಹೇಳಬೇಕಾದದ್ದು ಇಷ್ಟೇ. ಉಳಿದದ್ದೆಲ್ಲ ಇದರ ವಿವರಣೆ.

ಮತ್ತಾಯನ ಶುಭಸಂದೇಶದ 25ನೇ ಅಧ್ಯಾಯದಲ್ಲಿ ಕಡೆಯ ದಿನದ ನ್ಯಾಯತೀರ್ಪಿನ ಚಿತ್ರ ಬರುತ್ತದಲ್ಲ, ಅದನ್ನು ಒಮ್ಮೆ ನಿಧಾನವಾಗಿ ಓದಿ. ಅಲ್ಲಿ ಎಷ್ಟು ಜಪಸರ ಮುಗಿಸಿದಿರಿ ಎಂಬ ಲೆಕ್ಕವಿಲ್ಲ. ಹಸಿದವನಿಗೆ ಊಟ, ಬಾಯಾರಿದವನಿಗೆ ನೀರು, ಬೆತ್ತಲೆಯಿದ್ದವನಿಗೆ ಬಟ್ಟೆ. ರೋಗಿಯ ವಿಷಯಕ್ಕೆ ಬಂದಾಗ ವಾಸಿ ಮಾಡಿದಿರಾ ಎಂದು ಕೇಳುವುದಿಲ್ಲ, ಸೆರೆಯಲ್ಲಿದ್ದವನನ್ನು ಬಿಡಿಸಿದಿರಾ ಎಂದೂ ಕೇಳುವುದಿಲ್ಲ. ಹತ್ತಿರ ಹೋದಿರಾ, ನೋಡಿಕೊಂಡಿರಾ, ಅಷ್ಟೇ. ನಾನು ನರ್ಸ್ ಆಗಿ ವಾರ್ಡುಗಳಲ್ಲಿ ವಯಸ್ಸು ಕಳೆದವಳು. ವಾಸಿ ಮಾಡುವುದು ಎಷ್ಟೋ ಸಲ ಡಾಕ್ಟರ ಕೈಯಲ್ಲೂ ಇರುವುದಿಲ್ಲ. ಹತ್ತಿರ ಹೋಗುವುದು ಮಾತ್ರ ಎಲ್ಲರ ಕೈಯಲ್ಲೂ ಇದೆ, ಹದಿನೇಳರ ಹುಡುಗನ ಕೈಯಲ್ಲೂ ಇದೆ.

ಇಂದಿರಾನಗರದಿಂದ ಹಳೇ ವಿಮಾನ ನಿಲ್ದಾಣ ರಸ್ತೆಗೆ ಇಳಿದರೆ ಕೋಡಿಹಳ್ಳಿಯ ಹತ್ತಿರ ಚೆಷೈರ್ ಹೋಂ ಇದೆ. ಅಂಗವಿಕಲರ ಆಸರೆಯ ಮನೆ. ಅದರ ಮುಂದೆಯೇ ಬಸ್ಸಿನಲ್ಲಿ ಓಡಾಡುವ ನಿಮಗೆ ಆ ಹೆಸರು ಯಾರದೆಂದು ಗೊತ್ತಿರಲಿಕ್ಕಿಲ್ಲ. ಲಿಯೊನಾರ್ಡ್ ಚೆಷೈರ್ ಬ್ರಿಟನ್ನಿನ ವಾಯುಸೇನೆಯ ಬಾಂಬರ್ ಪೈಲಟ್. ಎರಡನೇ ಮಹಾಯುದ್ಧದಲ್ಲಿ ಆ ದೇಶದ ಅತ್ಯುನ್ನತ ಶೌರ್ಯ ಪದಕ ವಿಕ್ಟೋರಿಯಾ ಕ್ರಾಸ್ ಪಡೆದವನು. 1945ರ ಆಗಸ್ಟ್ 9ರಂದು ನಾಗಸಾಕಿಯ ಮೇಲೆ ಅಣುಬಾಂಬ್ ಬಿದ್ದಾಗ ಬ್ರಿಟನ್ನಿನ ಪರವಾಗಿ ವೀಕ್ಷಕನಾಗಿ ವಿಮಾನದಲ್ಲಿದ್ದು ಆ ಮೋಡವನ್ನು ಕಣ್ಣಾರೆ ಕಂಡವನು. ಯುದ್ಧ ಮುಗಿದ ಮೇಲೆ ಮಾಜಿ ಸೈನಿಕರನ್ನು ಕೂಡಿಸಿ ಒಂದು ಸಮುದಾಯ ಕಟ್ಟಲು ಹೋದ, ಅದು ನೆಲಕಚ್ಚಿತು. ಕೈಯಲ್ಲಿ ಉಳಿದದ್ದು ಲೆ ಕೋರ್ಟ್ ಎಂಬ ದೊಡ್ಡ ಖಾಲಿ ಬಂಗಲೆ ಮತ್ತು ಸಾಲ.

1948ರಲ್ಲಿ ಅವನಿಗೆ ಆಸ್ಪತ್ರೆಯೊಂದರಿಂದ ಸುದ್ದಿ ಬಂತು. ಆ ಸಮುದಾಯದಲ್ಲಿ ಅವನ ಜೊತೆಗಿದ್ದ ಆರ್ಥರ್ ಡೈಕ್ಸ್ ಎಂಬವನು ಕ್ಯಾನ್ಸರಿನಿಂದ ಸಾಯುತ್ತಿದ್ದಾನೆ, ಇನ್ನು ಮಾಡುವಂಥದ್ದೇನೂ ಇಲ್ಲ, ಎಲ್ಲಿಗಾದರೂ ಕರೆದುಕೊಂಡು ಹೋಗಿ. ಚೆಷೈರ್ ಅಲ್ಲಿ ಇಲ್ಲಿ ಕೇಳಿದ, ಯಾರೂ ಒಪ್ಪಲಿಲ್ಲ. ಕಡೆಗೆ ತನ್ನ ಬಂಗಲೆಗೇ ತಂದು ಮಲಗಿಸಿದ. ಶುಶ್ರೂಷೆಯ ಗಂಧಗಾಳಿ ಇಲ್ಲದ ಮನುಷ್ಯ. ಹಾಸಿಗೆ ಬದಲಿಸಿದ, ಮೈ ಒರೆಸಿದ, ಅಡುಗೆ ಮಾಡಿ ಉಣಿಸಿದ, ರಾತ್ರಿ ಕರೆದಾಗ ಎದ್ದು ಬಂದ. ಆ ಆಗಸ್ಟಿನಲ್ಲಿ ಡೈಕ್ಸ್ ತೀರಿಕೊಂಡ. ಅಷ್ಟರಲ್ಲಿ ಎಲ್ಲಿಯೂ ಜಾಗ ಸಿಗದ ಇನ್ನೊಬ್ಬರನ್ನು ಯಾರೋ ಅವನ ಬಾಗಿಲಿಗೆ ತಂದಿದ್ದರು, ಆಮೇಲೆ ಮತ್ತೊಬ್ಬರು. ಹೀಗೆ ಶುರುವಾದ ಕೆಲಸ 1950ರ ದಶಕದಲ್ಲಿ ಭಾರತಕ್ಕೆ ಬಂತು, ನಮ್ಮೂರಿಗೂ ಬಂತು. ನಿಮಗೆ ನಾನು ಮುಖ್ಯವಾಗಿ ಹೇಳಬೇಕಾದದ್ದು ಮುಂದಿನದು. ಚೆಷೈರ್ ಕಥೋಲಿಕ ಧರ್ಮಸಭೆಗೆ ಸೇರಿದ್ದು ಆ 1948ರ ಡಿಸೆಂಬರಿನಲ್ಲಿ, ಡೈಕ್ಸನ ಸೇವೆ ಮಾಡಿ ಅವನನ್ನು ಮಣ್ಣು ಮಾಡಿದ ಮೇಲೆ. ಮೊದಲು ಸೇವೆ, ಆಮೇಲೆ ವಿಶ್ವಾಸ. ನನಗಿನ್ನೂ ದೇವರಲ್ಲಿ ಅಷ್ಟು ಗಟ್ಟಿ ನಂಬಿಕೆ ಬಂದಿಲ್ಲ, ಬಂದ ಮೇಲೆ ಹೋಗುತ್ತೇನೆ ಎಂದು ನಿಮ್ಮಲ್ಲಿ ಕೆಲವರು ಅಂದುಕೊಳ್ಳುತ್ತೀರಿ. ಕಾಯಬೇಡಿ. ಸಂದೇಹ ಇಟ್ಟುಕೊಂಡೇ ಹೋಗಿ. ಮುದುಕರ ಬಾಯಿಗೆ ಗಂಜಿ ಹಾಕಲು ಸಂದೇಹ ಅಡ್ಡ ಬರುವುದಿಲ್ಲ.

ಹೊಸೂರು ರಸ್ತೆಯಲ್ಲಿ ಲಿಟ್ಲ್ ಸಿಸ್ಟರ್ಸ್ ಆಫ್ ದಿ ಪೂರ್ ಕನ್ಯಾಸ್ತ್ರೀಯರ ವೃದ್ಧಾಶ್ರಮವಿದೆ. ಅವರು ಬೆಂಗಳೂರಿಗೆ ಬಂದದ್ದು 1900ರಲ್ಲಿ. ಆ ಸಂಸ್ಥೆ ಹುಟ್ಟಿದ್ದೂ ಒಂದು ಹಾಸಿಗೆಯಿಂದಲೇ. ಫ್ರಾನ್ಸಿನ ಸಾಂ ಸೆರ್ವಾನ್ ಎಂಬ ಊರಿನಲ್ಲಿ ಝಾನ್ ಜುಗಾನ್ ಎಂಬ ಮನೆಗೆಲಸದ ಹೆಂಗಸು 1839ರ ಚಳಿಗಾಲದಲ್ಲಿ ಕಣ್ಣು ಕಾಣದ ಒಬ್ಬ ಮುದುಕಿಯನ್ನು ಮನೆಗೆ ಕರೆತಂದು, ತನ್ನ ಹಾಸಿಗೆಯನ್ನು ಅವಳಿಗೆ ಬಿಟ್ಟುಕೊಟ್ಟು ತಾನು ಅಟ್ಟದ ಮೇಲೆ ಮಲಗಿದಳು. ಮುದುಕರು ಹೆಚ್ಚಾದಂತೆ ಅವರಿಗಾಗಿ ಬುಟ್ಟಿ ಹಿಡಿದು ಮನೆಮನೆಗೆ ಬೇಡಲು ಹೊರಟಳು. ಮುಂದೆ ಅವಳು ಕಟ್ಟಿದ ಸಂಸ್ಥೆಯಲ್ಲೇ ಅವಳನ್ನು ಹಿಂದಕ್ಕೆ ಸರಿಸಿದರು. ಇಪ್ಪತ್ತೇಳು ವರ್ಷ ಅವಳು ಹೆಸರಿಲ್ಲದೆ ಮೂಲೆಯಲ್ಲಿ ಬದುಕಿದಳು. 1879ರಲ್ಲಿ ಅವಳು ಸತ್ತಾಗ ಇವಳೇ ಸ್ಥಾಪಕಿ ಎಂಬುದು ಅಲ್ಲಿನ ಕಿರಿಯ ಕನ್ಯಾಸ್ತ್ರೀಯರಲ್ಲಿ ಎಷ್ಟೋ ಜನಕ್ಕೆ ಗೊತ್ತಿರಲಿಲ್ಲ. 2009ರಲ್ಲಿ ಧರ್ಮಸಭೆ ಅವಳನ್ನು ಸಂತಳೆಂದು ಸಾರಿತು. ಬೇಡಿ ತಂದು ಮುದುಕರನ್ನು ಸಾಕುವುದು ಇವತ್ತಿಗೂ ಆ ಕನ್ಯಾಸ್ತ್ರೀಯರ ಪದ್ಧತಿ. ಒಳ್ಳೆಯ ಕೆಲಸ ಮಾಡಿದ ಸಂಜೆಯೇ ಅದರ ಫೋಟೋ ವಾಟ್ಸ್ಆ್ಯಪ್ ಸ್ಟೇಟಸ್ಸಿಗೆ ಏರಬೇಕೆಂಬ ಆಸೆ ಬಂದಾಗ ಝಾನ್ ಜುಗಾನಳನ್ನು ನೆನೆಯಿರಿ. ಫೋಟೋ ಬೇಡ. ಮಲಗಿದವರಿಗೂ ಮಾನವಿದೆ.

ನಮ್ಮ ಪೂರ್ವ ಬೆಂಗಳೂರಿನದೇ ಇನ್ನೊಂದು ಉದಾಹರಣೆ ನಿಮ್ಮ ವಯಸ್ಸಿಗೆ ಹತ್ತಿರದ್ದು. ಕೃಷ್ಣರಾಜಪುರದಲ್ಲಿ ಸಲೇಷಿಯನ್ ಸಭೆಯ ಕ್ರಿಸ್ತು ಜ್ಯೋತಿ ಕಾಲೇಜಿದೆ, ಗುರುಗಳಾಗುವವರು ದೈವಶಾಸ್ತ್ರ ಓದುವ ಜಾಗ. 1980ರಲ್ಲಿ ಅಲ್ಲಿನ ಕೆಲವು ವಿದ್ಯಾರ್ಥಿಗಳು ಪುಸ್ತಕ ಮುಚ್ಚಿಟ್ಟು ನಗರದ ಬೀದಿಗಳಿಗೆ ಹೋದರು. ಚಿಂದಿ ಆಯುವ, ಬೀದಿಯಲ್ಲೇ ಮಲಗುವ ಹುಡುಗರ ಜೊತೆ ಫುಟ್‌ಪಾತಿನಲ್ಲಿ ಕೂತು ಮಾತಾಡಿಸಿದರು, ಸ್ನೇಹ ಬೆಳೆಸಿದರು. ಮೊದಲಿಗೆ ಕಟ್ಟಡವಿರಲಿಲ್ಲ, ಬೋರ್ಡ್ ಇರಲಿಲ್ಲ. ಅದು ಬೆಳೆದು ಬೆಂಗಳೂರು ಓಣಿಯವರ ಸೇವಾ ಕೂಟವಾಯಿತು, ಜನ ಬಾಸ್ಕೋ ಎನ್ನುತ್ತಾರೆ. ಆ ಹುಡುಗರ ನಂಬಿಕೆ ಗಳಿಸುವುದು ಸುಲಭವಲ್ಲ. ಅವರನ್ನು ಹೊಡೆದವರಿದ್ದಾರೆ, ಒಂದು ದಿನ ಬಿರಿಯಾನಿ ಕೊಡಿಸಿ ಮತ್ತೆ ಮುಖ ತೋರಿಸದವರೂ ಇದ್ದಾರೆ. ಕಳೆದ ವಾರ ಬಂದವನು ಈ ವಾರವೂ ಬಂದ ಎಂದಾಗ ಮಾತ್ರ ಅವರ ಬಾಯಿ ಬಿಚ್ಚುತ್ತದೆ.

ಇನ್ನು, ದೂರದ ಬಡವರನ್ನು ಪ್ರೀತಿಸುವ ಮೊದಲು ನಿಮ್ಮ ಪಕ್ಕದ ಬೆಂಚಿನವರನ್ನು ನೋಡಿ. ನಮ್ಮ ಧರ್ಮಕೇಂದ್ರಗಳಲ್ಲಿ ಕನ್ನಡದವರು, ತಮಿಳರು, ಕೊಂಕಣಿಗರು, ಮಲಯಾಳಿಗಳು, ಆಂಗ್ಲೋ ಇಂಡಿಯನ್ನರು ಎಲ್ಲರೂ ಇದ್ದೇವೆ. ಬಲಿಪೂಜೆ ಯಾವ ಭಾಷೆಯಲ್ಲಿ ಎಂಬ ಜಗಳ ನಮ್ಮ ಮಹಾಧರ್ಮಪ್ರಾಂತ್ಯದಲ್ಲಿ ದಶಕಗಳಿಂದ ನಡೆದು ಬಂದಿದೆ. ಈ ನೆಲದ ಭಾಷೆಗೆ ಅದರ ಸ್ಥಾನ ಸಿಗಲೇಬೇಕು, ಅದರಲ್ಲಿ ನನ್ನದು ಎರಡು ಮಾತಿಲ್ಲ, ಕೇಳಬೇಕಾದ ಕಡೆ ಕೇಳಿ. ಆದರೆ ಹಲಸೂರಿನಲ್ಲಿ ತಲೆಮಾರುಗಳಿಂದ ಇರುವ ತಮಿಳು ಅಜ್ಜಿ ನಿಮ್ಮ ಎದುರಾಳಿಯಲ್ಲ. ಸಮಾಧಾನದ ಗುರುತಾಗಿ ಪೂಜೆಯಲ್ಲಿ ಅವಳಿಗೆ ಕೈಮುಗಿದು, ಹೊರಗೆ ಬಂದು ಅವಳ ಮಗನ ಜೊತೆ ಮಾತು ಬಿಟ್ಟರೆ ಆ ಪೂಜೆಯಿಂದ ನಿಮಗೇನು ಬಂತು? ಅವಳನ್ನು ರಸ್ತೆ ದಾಟಿಸಿ. ನಿಮ್ಮ ಕನ್ನಡವನ್ನು ಅವಳು ಪ್ರೀತಿಯಿಂದ ಕಲಿಯುತ್ತಾಳೆ.

ಮತ್ತೊಂದು ಮಾತನ್ನು ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತೇನೆ. ನಮ್ಮ ಸೇವೆಯ ಹಿಂದೆ ಲೆಕ್ಕಾಚಾರವಿದೆ, ಗಂಜಿಯ ಜೊತೆ ಗಾಳವಿದೆ ಎಂದು ಅನುಮಾನಿಸುವವರಿದ್ದಾರೆ. ಅವರ ಜೊತೆ ವಾದಕ್ಕೆ ಇಳಿಯಬೇಡಿ, ಅನುಮಾನಕ್ಕೆ ಎಡೆ ಕೊಡುವಂಥದ್ದನ್ನೂ ಮಾಡಬೇಡಿ. ಕಷ್ಟದಲ್ಲಿ ಬಿದ್ದವರ ಕಷ್ಟವನ್ನೇ ಹಿಡಿದು ಅವರನ್ನು ನಮ್ಮ ಕಡೆಗೆ ಎಳೆಯುವುದು ಪ್ರೀತಿಯಲ್ಲ, ವ್ಯಾಪಾರ. ಸಮಾರ್ಯದವನ ಸಾಮತಿಯನ್ನು ನೀವು ಚಿಕ್ಕಂದಿನಿಂದ ಕೇಳಿದ್ದೀರಿ. ದಾರಿಯಲ್ಲಿ ಬಿದ್ದಿದ್ದವನ ಗಾಯಕ್ಕೆ ಎಣ್ಣೆ, ದ್ರಾಕ್ಷಾರಸ ಹಾಕಿ ಕಟ್ಟಿದ, ತನ್ನ ಪ್ರಾಣಿಯ ಮೇಲೆ ಕೂರಿಸಿ ಛತ್ರಕ್ಕೆ ತಂದ, ಛತ್ರದವನಿಗೆ ಎರಡು ದಿನಾರಿ ಕೊಟ್ಟು, ಹೆಚ್ಚು ಖರ್ಚಾದರೆ ಬಂದು ತೀರಿಸುತ್ತೇನೆ ಎಂದ. ಬಿದ್ದಿದ್ದವನ ಊರು, ಪಂಗಡ, ದೇವರು ಯಾವುದನ್ನೂ ಕೇಳಲಿಲ್ಲ. ನಮ್ಮ ಶಿವಾಜಿನಗರದಲ್ಲೇ ಹಜರತ್ ಕಂಬಲ್ ಪೋಷ್ ರಸ್ತೆಯಲ್ಲಿ ಸಿಎಸ್‌ಐ ಆಸ್ಪತ್ರೆಯಿದೆ. ಪರಪುರುಷ ಡಾಕ್ಟರಿಗೆ ಮುಖ ತೋರಿಸದ ಪರದೆಯ ಹೆಣ್ಣುಮಕ್ಕಳಿಗೂ ಔಷಧಿ ಸಿಗಲೆಂದು 19ನೇ ಶತಮಾನದ ಕೊನೆಯಲ್ಲಿ ಝೆನಾನಾ ಮಿಷನ್ನಿನ ಮಹಿಳೆಯರು ಶುರು ಮಾಡಿದ್ದು. ಸೂಫಿ ಸಂತನ ಹೆಸರಿನ ರಸ್ತೆಯಲ್ಲಿ ಕ್ರೈಸ್ತರ ಆಸ್ಪತ್ರೆ, ಒಳಗೆ ಎಲ್ಲ ಜಾತಿಯ ಬಾಣಂತಿಯರು. ಕೋವಿಡ್ ಹಬ್ಬಿದ 2021ರ ಏಪ್ರಿಲ್, ಮೇ ತಿಂಗಳು ನಿಮಗೇ ನೆನಪಿದೆ. ಹೆತ್ತವರ ಹೆಣ ಮುಟ್ಟಲು ಮಕ್ಕಳೇ ಹೆದರಿದ ದಿನಗಳು. ಆಗ ಮರ್ಸಿ ಏಂಜಲ್ಸ್ ಎಂಬ ತಂಡದಲ್ಲಿ ಮುಸ್ಲಿಂ, ಕ್ರೈಸ್ತ, ಹಿಂದೂ ಯುವಕರು ಒಟ್ಟಿಗೆ ಪಿಪಿಇ ಕಿಟ್ ತೊಟ್ಟು, ಸತ್ತವರ ಅಂತ್ಯಕ್ರಿಯೆಯನ್ನು ಅವರವರ ವಿಧಿಯಂತೆ ಮಾಡಿದರು. ಸತ್ತವರಿಂದ ವಾಪಸ್ಸು ಪಡೆಯುವುದೇನೂ ಇರಲಿಲ್ಲ.

ಈಗ ಕೆಲಸದ ಮಾತಿಗೆ ಬರುತ್ತೇನೆ. ಎಲ್ಲಿಂದ ಶುರು ಮಾಡಬೇಕು ಎಂದು ಗೊತ್ತಾಗದಿದ್ದರೆ ನಿಮ್ಮ ಧರ್ಮಕೇಂದ್ರದಲ್ಲಿ ಸಂತ ವಿನ್ಸೆಂಟ್ ದಿ ಪೌಲರ ಸಭೆ ಇದೆಯೇ ವಿಚಾರಿಸಿ. 1833ರಲ್ಲಿ ಪ್ಯಾರಿಸ್ಸಿನಲ್ಲಿ ಅದನ್ನು ಆರಂಭಿಸಿದ ಫ್ರೆಡರಿಕ್ ಓಜಾನಾಂಗೆ ಆಗ ಇಪ್ಪತ್ತು ವರ್ಷ, ಕಾನೂನು ವಿದ್ಯಾರ್ಥಿ. ನಿಮ್ಮ ಧರ್ಮಸಭೆ ಈಗ ಬಡವರಿಗೇನು ಮಾಡುತ್ತಿದೆ ಎಂದು ಸಹಪಾಠಿಗಳು ಛೇಡಿಸಿದಾಗ ಅವನು ಮತ್ತು ಗೆಳೆಯರು ಬಡವರ ಮನೆಗಳ ಮೆಟ್ಟಿಲು ಹತ್ತಿದರು. ಆ ಸಭೆಯವರು ಇಬ್ಬಿಬ್ಬರಾಗಿ ಮನೆಗಳಿಗೆ ಹೋಗುತ್ತಾರೆ. ಅದು ಒಳ್ಳೆಯ ಪದ್ಧತಿ. ಒಬ್ಬರೇ ಹೋದರೆ ಸಂಕೋಚ, ಗುಂಪಾಗಿ ಹೋದರೆ ಸಣ್ಣ ಮನೆಯವರಿಗೆ ಕಷ್ಟ.

ಹೋದಾಗ ನಿಂತುಕೊಂಡು ಮಾತಾಡಬೇಡಿ. ನೆಲವಾದರೆ ನೆಲ, ಸ್ಟೂಲಾದರೆ ಸ್ಟೂಲು, ಅವರ ಕಣ್ಣಿನ ಎತ್ತರಕ್ಕೆ ಕೂತುಕೊಳ್ಳಿ. ಉಣಿಸುವುದಿದ್ದರೆ ಮೊದಲು ಅವರನ್ನು ಎಬ್ಬಿಸಿ ಬೆನ್ನಿಗೆ ದಿಂಬು ಕೊಡಿ. ಚಮಚ ಅರ್ಧ ತುಂಬಿದರೆ ಸಾಕು. ಗಂಟಲು ಕದಲಿ ನುಂಗಿದ್ದು ಕಂಡ ಮೇಲೆ ಮುಂದಿನ ತುತ್ತು. ಅವಸರ ಮಾಡಿದರೆ ಅನ್ನ ಶ್ವಾಸನಾಳಕ್ಕೆ ಹೋಗುತ್ತದೆ. ಮಲಗಿದಲ್ಲೇ ಇರುವವರ ಹಿಮ್ಮಡಿ, ಸೊಂಟದ ಕೆಳಗಿನ ಮೂಳೆಯ ಜಾಗ ನೋಡಿ. ಚರ್ಮ ಕೆಂಪಾಗಿ, ಒತ್ತಿದರೂ ಬಿಳುಪಾಗದಿದ್ದರೆ ಹುಣ್ಣು ಶುರುವಾಗುತ್ತಿದೆ ಎಂದರ್ಥ. ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕೆಂದು ಮನೆಯವರಿಗೆ ಹೇಳಿ, ಹೇಗೆಂದು ತೋರಿಸಿಕೊಡಿ. ಉಗುರು ಕತ್ತರಿಸುವ ಮೊದಲು ಹತ್ತು ನಿಮಿಷ ಬೆಚ್ಚಗಿನ ನೀರಿನಲ್ಲಿ ಕಾಲು ಇಡಿಸಿ. ಸಕ್ಕರೆ ಕಾಯಿಲೆಯವರ ಕಾಲುಗುರಿಗೆ ಮಾತ್ರ ನೀವು ಕೈ ಹಾಕಬೇಡಿ, ನರ್ಸಿಗೆ ಹೇಳಿ. ವಾಸನೆ ಬಂದರೆ ಮೂಗು ಮುಚ್ಚಬೇಡಿ. ಅವರಿಗೆ ಅದು ಕಾಣುತ್ತದೆ, ಆಮೇಲೆ ಇನ್ನು ಬರಬೇಡ ಎನ್ನುತ್ತಾರೆ.

ಯಾಕೆ ಬರುತ್ತೀಯ ಎಂದು ಅವರು ಕೇಳಿದರೆ ಇದ್ದದ್ದನ್ನು ಹೇಳಿ. ಯೇಸು ಸ್ವಾಮಿ ಹೀಗೆ ಕಲಿಸಿದ್ದಾರೆ, ನಿಮ್ಮನ್ನು ನೋಡಬೇಕೆಂದು ನನಗೂ ಅನಿಸುತ್ತದೆ ಎಂದರೆ ಸಾಕು. ಬಚ್ಚಿಡುವುದೂ ಬೇಡ, ಬೆಳೆಸುವುದೂ ಬೇಡ. ಅವರು ಹಲಸೂರು ಸೋಮೇಶ್ವರನ ತೇರಿನ ಬಗ್ಗೆ ಮಾತಾಡುವವರಾದರೆ ಆ ತೇರಿನ ಕಥೆ ಕೇಳಿ. ನಮಾಜಿನ ಹೊತ್ತಾದರೆ ವುಜೂಗೆ ನೀರು ತಂದುಕೊಡಿ. ಮಾತೇ ಬೇಡ ಎನ್ನುವವರೂ ಇರುತ್ತಾರೆ, ಅವರ ಬಳಿ ಸುಮ್ಮನೆ ಕೂತು ಬನ್ನಿ.

ಮುಂದಿನ ವಾರ ಬರುತ್ತೇನೆ ಎಂದು ಹೇಳಿ ಬಂದರೆ ಹೋಗಲೇಬೇಕು. ನೀವು ಹೋಗುವುದು ಗುರುವಾರ ಎಂದುಕೊಳ್ಳಿ. ನೀವು ಮರೆತ ಗುರುವಾರ ಅವರಿಗೆ ಬೆಳಗಿನಿಂದ ರಾತ್ರಿಯವರೆಗೂ ಗುರುವಾರವೇ. ಪರೀಕ್ಷೆ ಬರುತ್ತದೆ, ಕೆಲಸ ಸಿಗುತ್ತದೆ, ನಾಳೆ ನಿಮ್ಮಲ್ಲಿ ಯಾರೋ ವೀಸಾ ಹಿಡಿದು ದುಬೈಗೋ ಟೊರಾಂಟೋಗೋ ಹೋಗುತ್ತೀರಿ. ಅದರಲ್ಲಿ ತಪ್ಪೇನಿಲ್ಲ. ಆದರೆ ಮೊದಲೇ ಹೇಳಿ. ನಿಮ್ಮ ಬದಲು ಯಾರು ಬರುತ್ತಾರೆಂದು ತಿಳಿಸಿ, ಅವರನ್ನು ಎರಡು ಸಲವಾದರೂ ಜೊತೆಗೆ ಕರೆದುಕೊಂಡು ಹೋಗಿ. ಯಾವ ಕಿವಿ ಕೇಳಿಸುವುದಿಲ್ಲ, ಟೀಗೆ ಎಷ್ಟು ಸಕ್ಕರೆ, ಕೂರಿಸುವಾಗ ಯಾವ ಭುಜ ಹಿಡಿಯಬಾರದು ಎಂಬುದನ್ನೆಲ್ಲ ಅಲ್ಲೇ ತೋರಿಸಿಕೊಟ್ಟು ಬನ್ನಿ.